ಗುಂಡಿರಾಯನ ಡೊಂಕು ನೆಲ

ದೆಹಲಿ, ನೋಯ್ಡಾ, ಗುರುಗ್ರಾಮಗಳ ಬಾಡಿಗೆ ಮನೆಗಳಲ್ಲಿ ಈಚೆಗೆ ಹೊಸದೊಂದು ಜಾತಿಯ ಮನುಷ್ಯ ಕಾಣಸಿಗುತ್ತಾನೆ. ವಯಸ್ಸು ಇಪ್ಪತ್ತೈದರಿಂದ ಮೂವತ್ತೈದು. ಕೆಲಸ ಸಾಫ್ಟ್‌ವೇರ್ ಅಥವಾ ಅದರ ಆಸುಪಾಸಿನದು. ಹುಟ್ಟೂರು ದಾವಣಗೆರೆಯಾದರೂ ಆಗಬಹುದು, ಗೋರಖಪುರವಾದರೂ ಆಗಬಹುದು. ಮೇಜಿನ ಮೇಲೆ ಒಳ್ಳೆಯ ಕಂಪ್ಯೂಟರು, ಅದರೊಳಗೆ ರಿಯಾಯಿತಿ ಮಾರಾಟದಲ್ಲಿ ಕೊಂಡ ಹತ್ತಾರು ಆಟಗಳು, ಕೈಯಲ್ಲಿ ಬೆನ್ನಿಗೂ ಗುಂಡಿಗಳಿರುವ ಗೇಮ್‌ಪ್ಯಾಡು. ಇವನನ್ನು ಗುಂಡಿರಾಯ ಎಂದು ಕರೆಯೋಣ. ಗುಂಡಿರಾಯ ದೊಡ್ಡ ಗೇಮರ್ ಎಂದು ಆಫೀಸಿನವರು ನಂಬಿದ್ದಾರೆ, ಊರಲ್ಲಿರುವ ತಾಯಿ ನಂಬಿ ಕೊರಗುತ್ತಿದ್ದಾರೆ, ಅವನೂ ನಂಬಿದ್ದಾನೆ. ಆದರೆ ಅವನು ಆಡಿದ್ದನ್ನು ಕಂಡವರು ಯಾರೂ ಇಲ್ಲ. ಶುಕ್ರವಾರ ರಾತ್ರಿ ಎಂಟಕ್ಕೆ 'ಎಲ್ಡನ್ ರಿಂಗ್' ಆಡಲು ಕೂತವನು ಹನ್ನೊಂದಕ್ಕೆ ಏಳುವಾಗ ಆಟದ ಮೊದಲ ರಾಕ್ಷಸ ಇನ್ನೂ ಕತ್ತಿ ಹಿಡಿದು ಇವನ ದಾರಿ ಕಾಯುತ್ತಲೇ ಇರುತ್ತಾನೆ. ಮೂರು ಗಂಟೆಯಲ್ಲಿ ಆದದ್ದಿಷ್ಟು: ಉರುಳಿ ತಪ್ಪಿಸಿಕೊಳ್ಳುವ ಗುಂಡಿಗೆ ಬಲಗೈ ಹೆಬ್ಬೆರಳಿನಿಂದ ಎಡಗೈ ಉಂಗುರ ಬೆರಳಿಗೆ ವರ್ಗಾವಣೆ ಸಿಕ್ಕಿದೆ.

ಕುಣಿಯಲಾರದವಳು ನೆಲ ಡೊಂಕು ಅಂದಳಂತೆ ಎಂದು ಇವನನ್ನು ಒಂದೇ ಮಾತಿನಲ್ಲಿ ತಳ್ಳಿಹಾಕುವವರುಂಟು. ನಾನು ಆ ಪಂಗಡಕ್ಕೆ ಸೇರಿದವನಲ್ಲ. ಗುಂಡಿರಾಯನ ನೆಲ ನಿಜಕ್ಕೂ ಡೊಂಕು, ಅದಕ್ಕೆ ದಾಖಲೆಯಿದೆ. ಮೈಕ್ರೋಸಾಫ್ಟ್ 1995ರಲ್ಲಿ ಡೈರೆಕ್ಟ್‌ಇನ್‌ಪುಟ್ ಎಂಬ ವ್ಯವಸ್ಥೆ ತಂದಿತು. ಯಾವ ಕಂಪನಿಯ ಜಾಯ್‌ಸ್ಟಿಕ್ಕಾದರೂ ಬರಲಿ, ಎಷ್ಟು ಗುಂಡಿಯಾದರೂ ಇರಲಿ, ಎಲ್ಲಕ್ಕೂ ನಂಬರು ಕೊಟ್ಟು ಕೂರಿಸುವ ಉದಾರ ಪದ್ಧತಿ ಅದು. ಯಾವ ನಂಬರಿನ ಗುಂಡಿ ಏನು ಮಾಡಬೇಕೆಂಬುದನ್ನು ಆಡುವವನೇ ಹೇಳಬೇಕು. ಹತ್ತು ವರ್ಷದ ಮೇಲೆ, 2005ರಲ್ಲಿ, ಎಕ್ಸ್‌ಬಾಕ್ಸ್ 360ರ ಜೊತೆ ಎಕ್ಸ್‌ಇನ್‌ಪುಟ್ ಬಂತು. ಅದು ಕಟ್ಟುನಿಟ್ಟಿನ ಹೆಡ್‌ಮಾಸ್ಟರು: ಏಕಕಾಲಕ್ಕೆ ನಾಲ್ಕೇ ಪ್ಯಾಡು, ಎಲ್ಲ ಪ್ಯಾಡುಗಳೂ ಎಕ್ಸ್‌ಬಾಕ್ಸಿನ ಪ್ಯಾಡಿನಂತೆಯೇ ಇರತಕ್ಕದ್ದು. ಹೊಸ ಆಟಗಳು ಹೆಡ್‌ಮಾಸ್ಟರ ಕಡೆ ಹೋದವು, ಹಳೆಯವು ಹಳೆಯ ಪದ್ಧತಿಯಲ್ಲೇ ಉಳಿದವು. 'ಜಿಟಿಎ ಸ್ಯಾನ್ ಆಂಡ್ರಿಯಾಸ್' ಪಿಸಿಗೆ ಬಂದದ್ದೂ ಅದೇ 2005ರಲ್ಲಿ, ಆದರೆ ಹಳೆಯ ಪದ್ಧತಿಯವರ ಮಗುವಾಗಿ. ಎಕ್ಸ್‌ಬಾಕ್ಸ್ ಮಾದರಿಯ ಪ್ಯಾಡಿನ ಎರಡು ಟ್ರಿಗರುಗಳನ್ನು ಡೈರೆಕ್ಟ್‌ಇನ್‌ಪುಟ್ ಒಂದೇ ಅಕ್ಷದ ಎರಡು ತುದಿಗಳೆಂದು ಓದುವುದರಿಂದ, ಆ ಆಟದಲ್ಲಿ ಆಕ್ಸಿಲರೇಟರು ಮತ್ತು ಬ್ರೇಕನ್ನು ಒಟ್ಟಿಗೆ ಒತ್ತಿದರೆ ಒಂದನ್ನೊಂದು ರದ್ದುಮಾಡಿ ಸುಮ್ಮನಾಗುತ್ತವೆ. ಇದನ್ನು ನೇರ್ಪಡಿಸಲೆಂದೇ ಹವ್ಯಾಸಿಗಳು ಆಟ ತಿದ್ದುವ ಮಾಡ್ ಬರೆದಿದ್ದಾರೆ. ಇನ್ನು ಗುಂಡಿಗಳ ಹೆಸರು ನೋಡಿ. ಎಕ್ಸ್‌ಬಾಕ್ಸಿನಲ್ಲಿ 'ಎ' ಕೆಳಗಿದೆ, 'ಬಿ' ಬಲಕ್ಕಿದೆ. ನಿಂಟೆಂಡೊದಲ್ಲಿ 'ಎ' ಬಲಕ್ಕೆ, 'ಬಿ' ಕೆಳಗೆ. ಸೋನಿಯ ಪ್ಲೇಸ್ಟೇಷನ್ನಿನಲ್ಲಿ ಅಕ್ಷರಗಳೇ ಇಲ್ಲ. ಅಲ್ಲಿ ಜಪಾನಿನವರಿಗೆ ವೃತ್ತವೆಂದರೆ ಒಪ್ಪಿಗೆಯಾಗಿತ್ತು, ಅಮೆರಿಕದವರಿಗೆ ಕತ್ತರಿ ಗುರುತೆಂದರೆ ಒಪ್ಪಿಗೆ. ಈ ಜಗಳ 2020ರಲ್ಲಿ ಪ್ಲೇಸ್ಟೇಷನ್ 5 ಬರುವವರೆಗೂ ಮುಗಿಯಲಿಲ್ಲ. ಕೈಯಲ್ಲಿ ಸೋನಿ ಪ್ಯಾಡು ಹಿಡಿದವನಿಗೆ ಪಿಸಿಯ ಅನೇಕ ಆಟಗಳು ಇಂದಿಗೂ "ವೈ ಒತ್ತಿ" ಎನ್ನುತ್ತವೆ. ಅವನು ಪ್ಯಾಡನ್ನು ತಿರುವಿಹಾಕಿ ಹುಡುಕುತ್ತಾನೆ, 'ವೈ' ಎಲ್ಲಿದೆ? ತ್ರಿಕೋನವೇ 'ವೈ' ಎಂದು ತಿಳಿಯುವಷ್ಟರಲ್ಲಿ ಡ್ರ್ಯಾಗನ್ ತನ್ನ ಕೆಲಸ ಮುಗಿಸಿರುತ್ತದೆ.

ಹೀಗೆ ಮೊದಲೇ ಡೊಂಕಾದ ನೆಲಕ್ಕೆ ದೆಹಲಿ ತನ್ನ ಪಾಲಿನ ಉಬ್ಬುತಗ್ಗನ್ನೂ ಸೇರಿಸಿತು. ನೋಯ್ಡಾ ಸೆಕ್ಟರ್ 62ರ ಗುಂಡಿರಾಯ ಬ್ಲೂ ಲೈನ್ ಹತ್ತಿ, ಬೊಟಾನಿಕಲ್ ಗಾರ್ಡನ್ನಿನಲ್ಲಿ ಮೆಜೆಂಟಾಕ್ಕೆ ಬದಲಾಯಿಸಿ, ಕಾಲ್ಕಾಜಿ ಮಂದಿರದಲ್ಲಿ ವೈಲೆಟ್ ಹಿಡಿದರೆ ಮುಂದಿನ ನಿಲ್ದಾಣವೇ ನೆಹರೂ ಪ್ಲೇಸ್. ಕೀಬೋರ್ಡು, ಕೇಬಲ್ಲು, ಕಾರ್ಟ್ರಿಜ್‌ಗಳ ಕೂಗಾಟದ ನಡುವೆ ಕಾಸ್ಮಿಕ್ ಬೈಟ್, ರೆಡ್‌ಗಿಯರ್ ಮುಂತಾದ ದೇಶಿ ಬ್ರ್ಯಾಂಡುಗಳ ಪ್ಯಾಡಿನಿಂದ ಹಿಡಿದು ಹೆಸರೇ ಇಲ್ಲದ ಪ್ಯಾಡಿನವರೆಗೆ ಅಲ್ಲಿ ಸಿಗದ್ದಿಲ್ಲ. ಅಂಗಡಿಯವನ ಮಂತ್ರ ಮಾತ್ರ ಎಲ್ಲಕ್ಕೂ ಒಂದೇ: "ಪ್ಲಗ್ ಅಂಡ್ ಪ್ಲೇ ಹೈ, ಭಯ್ಯಾ. ಸಬ್ ಗೇಮ್ ಮೇ ಚಲೇಗಾ." ಪ್ಲಗ್ ಆಗುವುದು ಅಂಗಡಿಯಲ್ಲಿ, ಪ್ಲೇ ಆಗಬೇಕಾದ್ದು ಮನೆಯಲ್ಲಿ. ಮನೆಗೆ ಬಂದರೆ ಅದೇ ಪ್ಯಾಡಿಗೆ ಮೂರು ವೇಷ. ಯಾವುದೋ ಎರಡು ಗುಂಡಿಗಳನ್ನು ಒಟ್ಟಿಗೆ ಅದುಮಿ ಹಿಡಿದರೆ ಎಕ್ಸ್‌ಇನ್‌ಪುಟ್, ಮತ್ತೆ ಹಿಡಿದರೆ ಡೈರೆಕ್ಟ್‌ಇನ್‌ಪುಟ್, ಇನ್ನೊಂದು ಸಲ ಹಿಡಿದರೆ ಅದು ನಿಂಟೆಂಡೊ ಸ್ವಿಚ್ಚಿನದು. ಯಾವ ವೇಷದಲ್ಲಿದೆ ಎಂಬುದನ್ನು ಸೂಚಿಸಲು ನಾಲ್ಕು ಸಣ್ಣ ದೀಪಗಳಿವೆ. ಅವುಗಳ ಅರ್ಥ ಬರೆದಿರುವ ಚೀಟಿ ಡಬ್ಬಿಯ ಜೊತೆ ಕಸಕ್ಕೆ ಹೋಗಿದೆ. ಇಂಥ ಮನೆಯಲ್ಲಿ ನಾಲ್ಕು ರಾಜ್ಯದ ನಾಲ್ವರು ಒಂದೇ ಪ್ಯಾಡು ಹಂಚಿಕೊಂಡಿರುವುದೂ ಉಂಟು. ಒಬ್ಬನಿಗೆ ಪ್ಯಾಡಿನ ಕಡ್ಡಿ (ಸ್ಟಿಕ್) ಮೇಲಕ್ಕೆ ತಳ್ಳಿದರೆ ನೋಟ ಮೇಲಕ್ಕೆ ಹೋಗಬೇಕು, ಇನ್ನೊಬ್ಬನಿಗೆ ವಿಮಾನದ ಹಾಗೆ ಕೆಳಕ್ಕೆ ಹೋಗಬೇಕು. ಪಂಚಾಯಿತಿ ಮಾಡಲು ಯಾರಾದರೂ ಬೇಕಲ್ಲ? ಆ ಯಾರಾದರೂ ಎಂಬವನೇ ನಮ್ಮ ಗುಂಡಿರಾಯ.

ಅವನ ಕಾರ್ಯಕ್ರಮವನ್ನು ಹತ್ತಿರದಿಂದ ನೋಡಬೇಕು. ಮೊದಲು ವಿಂಡೋಸಿನ ಹಳೆಯ ಕಂಟ್ರೋಲರ್ ಕಿಟಕಿ ತೆರೆಯುತ್ತದೆ. ತೊಂಬತ್ತರ ದಶಕದ ಮುಖ ಇನ್ನೂ ಬದಲಾಗದ ಕಿಟಕಿ ಅದು: ಒಂದು ಚೌಕದಲ್ಲಿ ಪುಟ್ಟ ಅಡ್ಡಗುರುತು, ಪಕ್ಕದಲ್ಲಿ ನಂಬರು ಬರೆದ ದುಂಡು ಗುಂಡಿಗಳು, ಒತ್ತಿದರೆ ಕೆಂಪಾಗುತ್ತವೆ. ಗುಂಡಿರಾಯ ಕಡ್ಡಿ ಮುಟ್ಟದೆ ಉಸಿರು ಬಿಗಿಹಿಡಿದು ಅಡ್ಡಗುರುತನ್ನೇ ದಿಟ್ಟಿಸುತ್ತಾನೆ. ಅದು ಕೂದಲೆಳೆಯಷ್ಟು ಎಡಕ್ಕೆ ಸರಿದರೆ "ಡ್ರಿಫ್ಟ್!" ಎಂದು ಉದ್ಗಾರ, ಕಡ್ಡಿಯ ಸಣ್ಣ ಅಲುಗಾಟವನ್ನು ಲೆಕ್ಕಕ್ಕೆ ತೆಗೆದುಕೊಳ್ಳದ ಡೆಡ್ ಝೋನ್ ಐದರಿಂದ ಎಂಟು ಪರ್ಸೆಂಟಿಗೆ ಏರಿಕೆ. ಎಂಟು ಜಾಸ್ತಿಯಾಯಿತು ಅನ್ನಿಸಿ ಏಳು. ಏಳೂ ಯಾಕೋ ಸರಿಯಿಲ್ಲ. ಆಮೇಲೆ ಆಟ ಮಾರುವ ಸ್ಟೀಮ್‌ನದೇ ಗುಂಡಿ ಹೊಂದಿಸುವ ವ್ಯವಸ್ಥೆ, ಸ್ಟೀಮ್ ಇನ್‌ಪುಟ್, ಚಾಲೂ ಆಗುತ್ತದೆ, ಸೋನಿ ಪ್ಯಾಡನ್ನು ಎಕ್ಸ್‌ಬಾಕ್ಸ್ ಪ್ಯಾಡಿನಂತೆ ತೋರಿಸುವ ಡಿಎಸ್4ವಿಂಡೋಸ್ ಆಗಲೇ ಓಡುತ್ತಿರುತ್ತದೆ, ಆಟವೂ ತನ್ನಷ್ಟಕ್ಕೆ ಪ್ಯಾಡನ್ನು ಗುರುತಿಸಿರುತ್ತದೆ. ಮೂವರು ಪುರೋಹಿತರು ಸೇರಿ ಮಂತ್ರ ಹೇಳಿದ ಮೇಲೆ ಒಂದು ಸಲ ಒತ್ತಿದ್ದು ಎರಡು ಸಲ ಒತ್ತಿದಂತಾಗಿ, 'ಹೊಸ ಆಟ' ಎಂಬುದರ ಮೇಲೆ ನಿಲ್ಲಬೇಕಾದ ಗುರುತು 'ನಿರ್ಗಮಿಸು' ಎಂಬುದರ ಮೇಲೆ ನಿಲ್ಲುತ್ತದೆ. ಇದಕ್ಕೂ ಮದ್ದಿದೆ. ಹಿಡ್‌ಹೈಡ್ ಎಂಬ ಇನ್ನೊಂದು ತಂತ್ರಾಂಶ ಹಾಕಿ ಅಸಲಿ ಪ್ಯಾಡನ್ನು ಆಟದ ಕಣ್ಣಿಗೆ ಬೀಳದಂತೆ ಮರೆಮಾಡಿ, ನಕಲಿಯನ್ನು ಮಾತ್ರ ತೋರಿಸಬೇಕು. ದುಡ್ಡು ಕೊಟ್ಟು ತಂದ ಅಸಲಿಯನ್ನು ಬಚ್ಚಿಟ್ಟು ನಕಲಿಯನ್ನು ಮೆರೆಸುವುದರಲ್ಲಿ ಅವನಿಗೆ ವ್ಯಂಗ್ಯವೇನೂ ಕಾಣುವುದಿಲ್ಲ. ಕೊನೆಗೆ ಬೆನ್ನಿನ ಗುಂಡಿಗಳ ಸರದಿ. ಸಾವಿರಾರು ರೂಪಾಯಿ ಹೆಚ್ಚಿಗೆ ಕೊಟ್ಟದ್ದೇ ಅವುಗಳಿಗಾಗಿ. ಆದರೆ ಎಕ್ಸ್‌ಇನ್‌ಪುಟ್ಟಿನ ಹಾಜರಿ ಪುಸ್ತಕದಲ್ಲಿ ಅವಕ್ಕೆ ಜಾಗವೇ ಇಲ್ಲ. ಮುಂದಿನ ಯಾವುದೋ ಗುಂಡಿಯ ಹೆಸರಿನಲ್ಲಿ ಪ್ರಾಕ್ಸಿ ಹಾಕಬೇಕು, ಅಷ್ಟೇ.

ಇಷ್ಟೆಲ್ಲ ಒಪ್ಪಿದರೂ ಒಂದು ಪ್ರಶ್ನೆ ಉಳಿಯುತ್ತದೆ. ನೆಲ ಡೊಂಕಾಗಿದ್ದರೆ ಒಮ್ಮೆ ಸಮಮಾಡಿ ಕುಣಿಯಬೇಕಲ್ಲವೆ, ಇವನು ಕುಣಿಯುವುದೇ ಇಲ್ಲವೇಕೆ? ಸಮಮಾಡುವುದೇ ಅವನ ಆಟ ಎಂಬುದು ನನ್ನ ವಾದ, ಮತ್ತು ಅದು ಅವನು ಕೊಂಡಿಟ್ಟ ಆಟಗಳಿಗಿಂತ ಒಳ್ಳೆಯ ಆಟ. ಅದರಲ್ಲಿ ಗುರಿ ಸ್ಪಷ್ಟ, ಫಲ ತಕ್ಷಣ, ಸೋಲು ಇಲ್ಲ. 'ಎಲ್ಡನ್ ರಿಂಗ್' ನಿಮಿಷಕ್ಕೊಮ್ಮೆ ನೀವು ಸತ್ತಿರೆಂದು ದೊಡ್ಡಕ್ಷರದಲ್ಲಿ ಹೇಳುತ್ತದೆ, ಸೆಟ್ಟಿಂಗ್ಸ್ ಪುಟ ಯಾರನ್ನೂ ಹಾಗೆ ಅವಮಾನಿಸಿದ್ದಿಲ್ಲ. ಸಾಕ್ಷಿ ಬೇಕೆಂದರೆ ಹಾಲ್ ಎಫೆಕ್ಟ್ ಕಡ್ಡಿಗಳ ಪ್ರಸಂಗ ನೋಡಿ. ಎಡ್ವಿನ್ ಹಾಲ್ 1879ರಲ್ಲಿ ಕಂಡುಹಿಡಿದ ಕಾಂತೀಯ ಪರಿಣಾಮವನ್ನು ಬಳಸುವ ಈ ಕಡ್ಡಿಗಳಲ್ಲಿ ಅಳೆಯುವ ಭಾಗಗಳು ಒಂದಕ್ಕೊಂದು ತಾಗುವುದಿಲ್ಲ. ಆದ್ದರಿಂದ ಮಾಮೂಲಿ ಕಡ್ಡಿಗಳಂತೆ ಅವು ಸವೆದು ಡ್ರಿಫ್ಟ್ ಆಗುವುದಿಲ್ಲ. ಗುಂಡಿರಾಯ ಹೊಟ್ಟೆ ಬಟ್ಟೆ ಕಟ್ಟಿ ಅಂಥದನ್ನು ತಂದ. ಅಡ್ಡಗುರುತು ಚೌಕದ ನಡುವೆ ಮೊಳೆ ಹೊಡೆದಂತೆ ನಿಂತಿತು. ಆಡಬಹುದಾಗಿತ್ತಲ್ಲ? ಅವನು ಎರಡು ದಿನ ಮಂಕಾಗಿದ್ದು, ಮೂರನೆಯ ದಿನ ಕಡ್ಡಿ ಎಷ್ಟು ಸರಿದರೆ ಆಟ ಎಷ್ಟು ಸ್ಪಂದಿಸಬೇಕೆಂಬ ರೆಸ್ಪಾನ್ಸ್ ಕರ್ವ್ ತಿದ್ದಲು ಕೂತ. ಅಲ್ಲಿಂದ ಪೋಲಿಂಗ್ ರೇಟಿಗೆ ಹಾರಿದ. ಸೆಕೆಂಡಿಗೆ 125 ಸಲ ಕೇಳುವ ಕಂಪ್ಯೂಟರು 1000 ಸಲ ಕೇಳುವಂತಾಗಿ, ಎಂಟು ಮಿಲಿಸೆಕೆಂಡಿನ ಕಾಯುವಿಕೆ ಒಂದಕ್ಕಿಳಿಯಿತು. ಎದುರಿಗಿದ್ದ ಮಾನಿಟರು 60 ಹರ್ಟ್ಸಿನದು, ಹದಿನಾರು ಮಿಲಿಸೆಕೆಂಡಿಗಿಂತ ಬೇಗ ಹೊಸ ಚಿತ್ರ ತೋರಿಸಲಾರದು. ಅದರಾಚೆ ಇರುವ ಗುಂಡಿರಾಯನೋ, ಕಂಡದ್ದಕ್ಕೆ ಬೆರಳಾಡಿಸಲು ಹೆಚ್ಚಿನ ಮನುಷ್ಯರಂತೆ ಇನ್ನೂರಕ್ಕೂ ಹೆಚ್ಚು ಮಿಲಿಸೆಕೆಂಡು ತೆಗೆದುಕೊಳ್ಳುವವನು.

ಸಿದ್ಧ ಜೋಡಣೆಗಳು ಇರುವಾಗ ಈ ಪಾಡೇಕೆ ಎಂದು ಕೇಳುವವರಿದ್ದಾರೆ. ನ್ಯಾಯವಾದ ಮಾತು. ವಾಲ್ವ್ ಕಂಪನಿ 2015ರಲ್ಲಿ ಸ್ಟೀಮ್ ಕಂಟ್ರೋಲರ್ ತಂದಾಗ, ಒಬ್ಬರು ಹೊಂದಿಸಿದ್ದನ್ನು ಲೋಕವೆಲ್ಲ ಇಳಿಸಿಕೊಳ್ಳುವ ಏರ್ಪಾಡನ್ನೂ ಮಾಡಿತು. ಕಂಟ್ರೋಲರು 2019ರಲ್ಲಿ ಐದು ಡಾಲರಿಗೆ ಮಾರಾಟವಾಗಿ ಮುಗಿದರೂ ಏರ್ಪಾಡು ಉಳಿದಿದೆ, ಬೇರೆ ಪ್ಯಾಡುಗಳಿಗೂ ಹಬ್ಬಿದೆ. ಆದರೆ ಆ ಜೋಡಣೆಗಳನ್ನು ಮಾಡಿ ಹಾಕಿದವರು ಯಾರು? ಲೋಕದ ಬೇರೆ ಬೇರೆ ಊರಿನ ಗುಂಡಿರಾಯರೇ. ನೋಯ್ಡಾದವನ ದೆಸೆಯಿಂದ ಎಲ್ಲೋ ಬ್ರೆಜಿಲ್‌ನಲ್ಲಿ ಯಾರೋ ಸುಖವಾಗಿ ಆಡುತ್ತಿದ್ದಾರೆ ಎಂಬುದು ಅತಿಶಯೋಕ್ತಿಯಲ್ಲ. ಪರರು ಮಾಡಿದ್ದನ್ನು ತಾನು ಮಾತ್ರ ಬಳಸಲೊಲ್ಲ. ಇಳಿಸಿಕೊಂಡರೂ "ಚೆನ್ನಾಗಿದೆ, ಆದರೆ" ಎಂದು ಶುರುಮಾಡಿ ಹದಿನಾರರಲ್ಲಿ ಹದಿನಾಲ್ಕು ಗುಂಡಿ ಬದಲಿಸುತ್ತಾನೆ.

ಇನ್ನೊಂದು ಆಕ್ಷೇಪ ಗಂಭೀರವಾದದ್ದು, ನಗೆಯಾಡಿ ದಾಟುವಂಥದ್ದಲ್ಲ. ಗುಂಡಿ ಬದಲಿಸುವುದು ಕೆಲವರಿಗೆ ಚಪಲವಲ್ಲ, ಇಲ್ಲದಿದ್ದರೆ ಆಡಲು ಬೇರೆ ದಾರಿಯೇ ಇಲ್ಲ. ಒಂದೇ ಕೈಯಲ್ಲಿ ಆಡುವವರು, ಬೆರಳಿನಲ್ಲಿ ಬಲವಿಲ್ಲದವರು ಕಾರ್ಖಾನೆಯ ಜೋಡಣೆಯನ್ನು ಒಪ್ಪಿಕೊಂಡು ಕೂರಲಾರರು. ಅವರಿಗೆಂದೇ ಮೈಕ್ರೋಸಾಫ್ಟ್ 2018ರಲ್ಲಿ ಎಕ್ಸ್‌ಬಾಕ್ಸ್ ಅಡಾಪ್ಟಿವ್ ಕಂಟ್ರೋಲರ್ ತಂದಿತು. ಅದರಲ್ಲಿ ಅಂಗೈಯಗಲದ ಎರಡು ಗುಂಡಿಗಳಿವೆ, ಹಿಂಬದಿಯಲ್ಲಿ ಹತ್ತೊಂಬತ್ತು ಜ್ಯಾಕುಗಳಿವೆ, ಕಾಲಿನಿಂದಲೋ ಮೊಣಕೈಯಿಂದಲೋ ಒತ್ತುವ ಸ್ವಿಚ್ಚನ್ನು ಯಾವುದಕ್ಕೆ ಬೇಕಾದರೂ ಸಿಕ್ಕಿಸಬಹುದು. ಸೋನಿಯ ಆಕ್ಸೆಸ್ ಕಂಟ್ರೋಲರ್ 2023ರಲ್ಲಿ ಬಂತು. ಇಂಥವನ್ನು ಒಬ್ಬರ ದೇಹಕ್ಕೆ ಒಗ್ಗಿಸಲು ತಾಳ್ಮೆ ಬೇಕು, ಡೆಡ್ ಝೋನ್ ಏಳೋ ಎಂಟೋ ಎಂದು ಅರ್ಧ ರಾತ್ರಿಯವರೆಗೆ ಯೋಚಿಸುವ ಹುಚ್ಚೂ ಬೇಕು. ಆ ಹುಚ್ಚು ಗುಂಡಿರಾಯನಲ್ಲಿ ಧಾರಾಳವಾಗಿದೆ. ಅವನ ವಿದ್ಯೆ ವ್ಯರ್ಥವೆಂದು ನಾನು ಹೇಳುತ್ತಿಲ್ಲ. ಅದು ವ್ಯರ್ಥವಾಗುವುದು ಅವನ ಹತ್ತು ಬೆರಳುಗಳ ಮೇಲೆ ಮಾತ್ರ, ಅವು ಹೇಗಿದ್ದರೂ ಸರಿಯಾಗಿಯೇ ಇವೆ.

ಸಮಾಜಶಾಸ್ತ್ರದ ಒಲವಿರುವವರು ಇದಕ್ಕೊಂದು ಚೆಂದದ ವಿವರಣೆ ಕೊಡುತ್ತಾರೆ. ಹನ್ನೊಂದು ತಿಂಗಳ ಕರಾರಿನ ಮನೆ, ಮಾಲೀಕನ ಅನುಮತಿಯಿಲ್ಲದೆ ಗೋಡೆಗೊಂದು ಮೊಳೆ ಹೊಡೆಯುವಂತಿಲ್ಲ. ನವೆಂಬರಿನಲ್ಲಿ ಗಾಳಿ ಕೆಟ್ಟರೆ ಯಾವ ಗಾಡಿ ರಸ್ತೆಗಿಳಿಯಬೇಕು, ಶಾಲೆ ತೆರೆಯಬೇಕೋ ಬೇಡವೋ ಎಂಬುದನ್ನೂ ಮೇಲಿನವರೇ ತೀರ್ಮಾನಿಸುತ್ತಾರೆ. ಇಂಥ ಊರಿನಲ್ಲಿ ಹೇಳಿದ ಮಾತು ಕೇಳುವುದು ಹದಿನಾರು ಗುಂಡಿಗಳು ಮಾತ್ರ, ಆದ್ದರಿಂದ ಗುಂಡಿರಾಯ ಹುಟ್ಟಿದ ಎಂದು. ಕೇಳಲು ಸೊಗಸಾಗಿದೆ, ನಂಬುವುದು ಕಷ್ಟ. ಗಾಳಿ ತಕ್ಕಮಟ್ಟಿಗೆ ಚೆನ್ನಾಗಿರುವ ಬೆಂಗಳೂರಿನ ಎಸ್.ಪಿ. ರೋಡಿನ ಅಂಗಡಿಗಳ ಮುಂದೆಯೂ ಇದೇ ಮುಖಗಳು ಇದೇ ಡಬ್ಬಿಗಳನ್ನು ತಿರುವಿ ನೋಡುತ್ತಿರುತ್ತವೆ. ದೆಹಲಿ ಇವನನ್ನು ಹೆತ್ತಿಲ್ಲ, ನೆಹರೂ ಪ್ಲೇಸಿನ ಅಗ್ಗದ ಆಯ್ಕೆಗಳಿಂದ ಸಾಕಿ ದಪ್ಪ ಮಾಡಿದೆ. ಮನೆಯೊಳಗೆ ಕೂರಲು ಹೊಗೆಯ ನೆಪ ಸಿಕ್ಕಿದ್ದು ಉಪಲಾಭ.

ಓದುಗರಲ್ಲಿ ಒಂದೇ ಒಂದು ವಿನಂತಿ. ಗುಂಡಿರಾಯ ಮನೆಗೆ ಬಂದಾಗ ಊಟ ಹಾಕಿ, ಕಾಫಿ ಕೊಡಿ, ಮಗುವಿನ ಪ್ಯಾಡನ್ನು ಮಾತ್ರ ಅವನ ಕೈಗೆ ಕೊಡಬೇಡಿ. ಅನಿವಾರ್ಯವಾಗಿ ಕೊಟ್ಟಿರೋ, ಅವನು ಚಪ್ಪಲಿ ಮೆಟ್ಟುವ ಮೊದಲು ಮೇಲು–ಕೆಳಗನ್ನು ಎಲ್ಲಿ ತಿರುಗುಮುರುಗು ಮಾಡಿದ್ದೀಯಪ್ಪ ಎಂದು ಕೇಳಿ ಬರೆಸಿಕೊಳ್ಳಿ. ಅದನ್ನು ಆಟದೊಳಗೆ ಮಾಡಿರಬಹುದು, ಸ್ಟೀಮಿನಲ್ಲಿ ಮಾಡಿರಬಹುದು, ಡಿಎಸ್4ವಿಂಡೋಸಿನಲ್ಲಿ ಮಾಡಿರಬಹುದು, ಪ್ಯಾಡಿನ ಸ್ವಂತ ನೆನಪಿನಲ್ಲೂ ಮಾಡಿರಬಹುದು. ಎರಡು ಕಡೆ ಮಾಡಿದ್ದರೆ ಒಂದಕ್ಕೊಂದು ವಜಾ ಆಗಿ ಎಲ್ಲ ಸರಿಯಿದ್ದಂತೆಯೇ ಕಾಣುತ್ತದೆ. ಆಗ ಯಾವುದನ್ನೂ ಮುಟ್ಟಬೇಡಿ.