ಗ್ರಾಮಸಭೆ: ಬಳಕೆಯ ಕೈಪಿಡಿ (ಅಕ್ಕಲಕೋಟೆ ಗಡಿ ಮಾದರಿ)

ಬಳಸುವ ಮುನ್ನ ಪೂರ್ತಿ ಓದಿರಿ. ಓದದಿದ್ದರೂ ಯಂತ್ರ ನಡೆಯುತ್ತದೆ. ನಡೆಸುವವರು ಮಾತ್ರ ಬೇರೆಯವರಾಗಿರುತ್ತಾರೆ.

1. ಪರಿಚಯ

ಇದನ್ನು ನೀವು ಕೊಳ್ಳಬೇಕಿಲ್ಲ. ಊರಿನ ಮತದಾರರ ಯಾದಿಯಲ್ಲಿ ಹೆಸರು ಬಂದ ದಿನವೇ ನೀವು ಗ್ರಾಮಸಭೆಯ ಸದಸ್ಯರು. ಮಹಾರಾಷ್ಟ್ರದ ಸೊಲ್ಲಾಪುರ ಜಿಲ್ಲೆಯ ಅಕ್ಕಲಕೋಟೆ, ದಕ್ಷಿಣ ಸೊಲ್ಲಾಪುರ ತಾಲೂಕುಗಳ ಕನ್ನಡದ ಊರುಗಳಲ್ಲೂ ಇದೇ ಯಂತ್ರ. ತಯಾರಿಕೆ ಮುಂಬೈಯದು, ಬಳಕೆದಾರರು ಕನ್ನಡದವರು.

ತತ್ವ ಹೀಗಿದೆ. ಜರ್ಮನಿಯ ದಾರ್ಶನಿಕ ಯೂರ್ಗೆನ್ ಹೇಬರ್‌ಮಾಸ್ 1992ರಲ್ಲಿ ಒಂದು ದಪ್ಪ ಪುಸ್ತಕ ಪ್ರಕಟಿಸಿದರು. ಕಾನೂನಿಗೆ ತಲೆಬಾಗಬೇಕಾದವರೆಲ್ಲ ಕಾರಣ ಕೊಟ್ಟು, ಕಾರಣ ಕೇಳಿ, ಒಪ್ಪಬಹುದಾದ ಕಾನೂನಿಗಷ್ಟೇ ಮಾನ ಎಂಬುದು ಅದರ ಸಾರ. ಕೈ ಎಣಿಸುವುದು ಕೊನೆಯ ಕೆಲಸ, ಮೊದಲು ಮಾತು. ಅದೇ ವರ್ಷದ ಡಿಸೆಂಬರಿನಲ್ಲಿ ನಮ್ಮ ಸಂಸತ್ತು ಸಂವಿಧಾನಕ್ಕೆ 73ನೇ ತಿದ್ದುಪಡಿ ಮಾಡಿತು. 1993ರ ಏಪ್ರಿಲ್ 24ರಿಂದ ಅದು ಜಾರಿಗೆ ಬಂತು. ಗ್ರಾಮಸಭೆಗೆ ಎಷ್ಟು ಅಧಿಕಾರವೆಂಬುದನ್ನು ಆಯಾ ರಾಜ್ಯದ ಶಾಸನಸಭೆ ಗೊತ್ತುಮಾಡಬೇಕು ಎನ್ನುತ್ತದೆ 243ಎ ವಿಧಿ. ಹಾಗಾಗಿ ಇದರ ಮೇನ್ ಸ್ವಿಚ್ಚನ್ನು ನಿಮ್ಮ ಊರಲ್ಲಿ ಹುಡುಕಬೇಡಿ.

2. ಬಿಡಿಭಾಗಗಳು

ಸರಪಂಚ: ಒಂದು. ಮಹಿಳೆಯ ಹೆಸರಿನಲ್ಲಿ ಬಂದಿದ್ದರೆ ಜೊತೆಗೆ ಆಕೆಯ ಗಂಡನೂ ಬರಬಹುದು. ಆ ಭಾಗ ಕಾಯ್ದೆಯಲ್ಲಿಲ್ಲ, ತೆಗೆದು ಹೊರಗಿಡಿ.

ಗ್ರಾಮಸೇವಕ (2024ರಿಂದ ಕಾಗದದಲ್ಲಿ ಗ್ರಾಮಪಂಚಾಯತ ಅಧಿಕಾರಿ): ಒಂದು. ಇನ್ನೆರಡು ಊರುಗಳ ಜೊತೆ ಹಂಚಿಕೊಂಡಿದ್ದೂ ಇರಬಹುದು.

ಕೋರಂ: ಒಟ್ಟು ಮತದಾರರಲ್ಲಿ ಶೇ. 15 ಅಥವಾ 100 ಜನ, ಯಾವುದು ಕಡಿಮೆಯೋ ಅದು.

ಪ್ರೊಸೀಡಿಂಗ್ ವಹಿ: ಒಂದು. ಬಹಳ ಸೂಕ್ಷ್ಮ ಭಾಗ. ಸದಾ ಕಣ್ಣಳತೆಯಲ್ಲಿಡಿ.

ಉತ್ತರ: ಪೆಟ್ಟಿಗೆಯಲ್ಲಿ ಇರುವುದಿಲ್ಲ. ಪ್ರತ್ಯೇಕವಾಗಿ ಕೇಳಿ ಪಡೆಯಬೇಕು.

3. ಜೋಡಣೆ

ವರ್ಷಕ್ಕೆ ನಾಲ್ಕು ಸಭೆಯಾದರೂ ಆಗಬೇಕು. ಜನವರಿ 26, ಮೇ 1, ಆಗಸ್ಟ್ 15, ಅಕ್ಟೋಬರ್ 2 ರೂಢಿಯ ದಿನಗಳು. ಮೇ 1 ಮಹಾರಾಷ್ಟ್ರ ದಿನ. ಝಂಡಾ ಏರಿಸಿ, ಮಕ್ಕಳಿಗೆ ಪೇಪರಮೆಂಟ್ ಹಂಚಿ, ಅಲ್ಲೇ ಸಭೆ ಕೂಡಿಸಿದರೆ ಖುರ್ಚಿ ಎರಡು ಸಲ ಹೊರುವುದು ತಪ್ಪುತ್ತದೆ.

ಗ್ರಾಮಸಭೆಗೆ ಮೊದಲು ಮಹಿಳೆಯರ ಸಭೆ ಆಗಬೇಕು. ಅದು ಆಯಿತೆಂದು ವಹಿಯಲ್ಲಿ ಬರೆದಿದ್ದರೆ, ನಿಮ್ಮ ಓಣಿಯ ಯಾರಾದರೊಬ್ಬ ಅವ್ವನನ್ನು ಕೇಳಿ ನೋಡಿ. "ಯಾವಾಗ ಆತಪಾ ಅದು?" ಎಂದು ಆಕೆ ನಿಮ್ಮನ್ನೇ ಕೇಳಿದರೆ ಜೋಡಣೆ ತಪ್ಪಿದೆ, ಬಿಚ್ಚಿ ಮತ್ತೆ ಜೋಡಿಸಿ.

4. ಚಾಲನೆ

ಸಭೆ ಶುರುವಾದ ಮೇಲೆ ಎದ್ದು ನಿಂತು ಮಾತಾಡಿರಿ. ಉದಾಹರಣೆಗೆ: "ಸರಪಂಚರ, ಮೂರು ವರ್ಷ ಆತು, ಹೊಳಿ ದಾರಿಗೆ ಖಡಿ ಹಾಕ್ತೀವಿ ಅಂತೀರಿ. ಮಳಿಗಾಲದಾಗ ಬಸುರಿ ಹೆಣಮಗಳನ್ನ ದವಾಖಾನಿಗೆ ಹೆಂಗ ಒಯ್ಯೂದು?" ಇದರಲ್ಲಿ ಬೇಡಿಕೆ ಇದೆ, ಕಾರಣ ಇದೆ, ಹಳೆಯ ಮಾತಿನ ಲೆಕ್ಕವೂ ಇದೆ. ಹೇಬರ್‌ಮಾಸ್ ಕೇಳಿದ್ದೆಲ್ಲ ಎರಡು ಸಾಲಿನಲ್ಲಿ ಬಂದಿತು.

ಇದು ವಹಿಯೊಳಗೆ ಮರಾಠಿಯಲ್ಲಿ ಇಳಿಯುವಾಗ "ರಸ್ತೆಯ ವಿಷಯ ಚರ್ಚಿಸಿ ಸರ್ವಾನುಮತದಿಂದ ಮಂಜೂರು" ಎಂದಾಗಬಹುದು. ಬಸುರಿಯೂ ಇಲ್ಲ, ಮೂರು ವರ್ಷವೂ ಇಲ್ಲ. ಸಹಿ ಅಥವಾ ಹೆಬ್ಬೆಟ್ಟು ಒತ್ತುವ ಮುನ್ನ ಬರೆದದ್ದನ್ನು ಗಟ್ಟಿಯಾಗಿ ಓದಿಸಿ, ಕನ್ನಡದಲ್ಲಿ ಹೇಳಿಸಿಕೊಳ್ಳಿ. ಖಾಲಿ ಹಾಳೆಗೆ ಸಹಿ ಹಾಕಿದರೆ ಯಂತ್ರ ನಿಮ್ಮನ್ನು ಬಿಟ್ಟು ತಾನೇ ಚಲಿಸತೊಡಗುತ್ತದೆ.

5. ತೊಂದರೆ ಮತ್ತು ಪರಿಹಾರ

ಲಕ್ಷಣ: ಕೋರಂ ತುಂಬಲಿಲ್ಲ, ಸಭೆ ತಹಕೂಬ ಆಯಿತು, ಅಂದರೆ ಮುಂದಕ್ಕೆ ಹೋಯಿತು. ಎಚ್ಚರ: ತಹಕೂಬ ಆದ ಸಭೆ ಮತ್ತೆ ಕೂಡಿದಾಗ ಕೋರಂ ಬೇಕಿಲ್ಲ. ಬಾರದವರ ಪರವಾಗಿ ಬಂದ ಹತ್ತು ಮಂದಿ ಎಲ್ಲವನ್ನೂ ತೀರ್ಮಾನಿಸಬಲ್ಲರು. ಪರಿಹಾರ: ಮೊದಲ ಸಲವೇ ಹೋಗಿರಿ.

ಲಕ್ಷಣ: ಎಲ್ಲರೂ ಒಟ್ಟಿಗೆ ಕೂಗುತ್ತಾರೆ. ಇದು ದೋಷವಲ್ಲ, ಯಂತ್ರ ಬಿಸಿಯಾಗುತ್ತಿದೆ.

ಲಕ್ಷಣ: ಎಲ್ಲರೂ ಸುಮ್ಮನಿದ್ದಾರೆ. ಇದು ದೋಷ.

ತಾಂತ್ರಿಕ ಟಿಪ್ಪಣಿ: ಪರೋಮಿತಾ ಸನ್ಯಾಲ್ ಮತ್ತು ವಿಜಯೇಂದ್ರ ರಾವ್ ದಕ್ಷಿಣದ ನಾಲ್ಕು ರಾಜ್ಯಗಳ ಸುಮಾರು 300 ಗ್ರಾಮಸಭೆಗಳ ಮಾತನ್ನು ಅಕ್ಷರಕ್ಕಿಳಿಸಿ ಓದಿದ್ದಾರೆ. ರಾಜ್ಯಗಳ ಗಡಿಯ ಆಚೀಚೆ ಇರುವ, ಭಾಷೆ ಮತ್ತು ಇತಿಹಾಸ ಒಂದಕ್ಕೊಂದು ಹೊಂದುವ ಹಳ್ಳಿಗಳನ್ನೇ ಆಯ್ದು ಹೋಲಿಸಿದರು. ಜನ ಒಂದೇ ಬಗೆಯವರಾದರೂ ಸಭೆಗಳು ಒಂದೇ ಬಗೆಯಲ್ಲಿರಲಿಲ್ಲ. ಸರ್ಕಾರ ಸಭೆಯನ್ನು ಎಷ್ಟು ಗಂಭೀರವಾಗಿ ತೆಗೆದುಕೊಂಡಿತೋ ಮಾತೂ ಅಷ್ಟು ಗಟ್ಟಿಯಾಗಿತ್ತು. "ನಮ್ಮ ಮಂದಿಗೆ ಮಾತಾಡಲಿಕ್ಕೆ ಬರೂದಿಲ್ಲ" ಎನ್ನುವ ಅಧಿಕಾರಿಗೆ ಈ ಟಿಪ್ಪಣಿ ತೋರಿಸಿರಿ.

6. ಕೆಂಪು ಗುಂಡಿ

ಯಂತ್ರದ ಹಿಂಬದಿಯಲ್ಲಿ ಗಡಿ ಎಂಬ ಗುಂಡಿಯಿದೆ. 2022ರ ನವೆಂಬರಿನಲ್ಲಿ ಕರ್ನಾಟಕದ ಆಗಿನ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿಯವರು ಸೊಲ್ಲಾಪುರ, ಅಕ್ಕಲಕೋಟೆಯ ಕನ್ನಡ ಪ್ರದೇಶಗಳು ಕರ್ನಾಟಕಕ್ಕೆ ಸೇರಬೇಕೆಂದರು. ಮರುತಿಂಗಳೇ ಅಕ್ಕಲಕೋಟೆಯ ಗಡಿಯ ಕೆಲವು ಊರುಗಳು, ರಸ್ತೆ, ನೀರು, ವಿದ್ಯುತ್ತು ಸಿಗುತ್ತಿಲ್ಲ, ನಮ್ಮನ್ನು ಕರ್ನಾಟಕಕ್ಕೆ ಬಿಡಿ ಎಂದು ಠರಾವು ಮಾಡಿದವು. ಅದರ ಫಲ ನೋಡಿರಿ: ಟಿವಿ ಬಂತು, ಅಧಿಕಾರಿಗಳು ಬಂದರು, ನೋಟಿಸೂ ಬಂತು. ಹೆಚ್ಚಿನ ಊರುಗಳು ಠರಾವು ಹಿಂದಕ್ಕೆ ಪಡೆದವು.

ರಸ್ತೆ ಕೇಳಿದಾಗ ಬಾರದ ಪತ್ರ, ರಾಜ್ಯ ಬಿಡುತ್ತೇವೆ ಎಂದ ಕೂಡಲೇ ಬಂತು. ಕೆಂಪು ಗುಂಡಿ ಒತ್ತಿದ್ದಕ್ಕೆ ಊರವರನ್ನು ಬೈಯುವವರು, ಉಳಿದ ಗುಂಡಿಗಳ ತಂತಿ ಕಿತ್ತವರು ಯಾರೆಂದು ಮೊದಲು ನೋಡಲಿ.

ಈ ಗುಂಡಿ ಹಳೆಯದು. 1966ರಲ್ಲಿ ಗಡಿ ವಿವಾದಕ್ಕೆಂದು ನೇಮಕವಾದ ಮಹಾಜನ ಆಯೋಗ 2,240 ಮನವಿ ಸ್ವೀಕರಿಸಿ, 7,572 ಜನರ ಮಾತು ಕೇಳಿತು. ಅಕ್ಕಲಕೋಟೆ ಮೈಸೂರು ರಾಜ್ಯಕ್ಕೆ (ಇಂದಿನ ಕರ್ನಾಟಕಕ್ಕೆ) ಸೇರಲಿ ಎಂದು 1967ರಲ್ಲಿ ವರದಿ ಕೊಟ್ಟಿತು. ಮಹಾರಾಷ್ಟ್ರ ಒಪ್ಪಲಿಲ್ಲ, 2004ರಲ್ಲಿ ಸುಪ್ರೀಂ ಕೋರ್ಟಿಗೆ ಹೋಯಿತು. ಅಷ್ಟು ಜನ ಹೇಳಿದ್ದನ್ನು ಕೇಳಿದ್ದು ನಿಜ. ಕೇಳಿದವರು ತಿರುಗಿ ಊರಿಗೆ ಬಂದು "ನೀವು ಹೇಳಿದ್ದಕ್ಕೆ ಹೀಗಾಯಿತು, ಇದಕ್ಕಾಗಿ ಆಯಿತು" ಎಂದು ತಿಳಿಸುವ ಏರ್ಪಾಡು ಮಾತ್ರ ಇರಲಿಲ್ಲ.

7. ಹಳೆಯ ಮಾದರಿ

12ನೆಯ ಶತಮಾನದಲ್ಲಿ ಸೊಲ್ಲಾಪುರ ಸೊನ್ನಲಿಗೆಯಾಗಿತ್ತು. ಸಿದ್ಧರಾಮ ಅಲ್ಲಿ ಕೆರೆ ಕಟ್ಟಿಸುತ್ತಿದ್ದ. ಶೂನ್ಯಸಂಪಾದನೆ ಹೇಳುವ ಕಥೆಯಲ್ಲಿ ಅಲ್ಲಮ ಬಂದು ಆ ಕೆಲಸವನ್ನೇ ಪ್ರಶ್ನಿಸುತ್ತಾನೆ. ಸಿಟ್ಟಾದ ಕೆಲಸಗಾರರು ಕಲ್ಲು ತೂರುತ್ತಾರೆ. ಕಥೆ ಕಲ್ಲಿಗೆ ನಿಲ್ಲುವುದಿಲ್ಲ. ಸಿದ್ಧರಾಮ ಎದುರು ನಿಂತು ವಾದಿಸುತ್ತಾನೆ, ಅಲ್ಲಮ ಒಂದೊಂದಕ್ಕೂ ಉತ್ತರ ಕೊಡುತ್ತಾನೆ, ಕೊನೆಗೆ ಇಬ್ಬರೂ ಕಲ್ಯಾಣಕ್ಕೆ ಹೊರಡುತ್ತಾರೆ. ಮುಂದೆ ಸಿದ್ಧರಾಮನೇ ಶೂನ್ಯಪೀಠವೇರಿದ ಎನ್ನುತ್ತದೆ ಪರಂಪರೆ. ಊರಿನ ದೊಡ್ಡ ಮನುಷ್ಯನನ್ನು ಅವನ ಕಾಮಗಾರಿಯ ಜಾಗದಲ್ಲೇ ಪ್ರಶ್ನಿಸಬಹುದಿತ್ತು, ಅವನಿಗೆ ಉತ್ತರಿಸದೆ ಬಿಡುಗಡೆ ಇರಲಿಲ್ಲ. ಹೊಸ ಮಾದರಿಯಲ್ಲಿ ಕಾಮಗಾರಿ ಉಳಿದಿದೆ.

8. ನಿರ್ವಹಣೆ

ಪ್ರತಿ ಸಭೆಯ ಮೊದಲ ವಿಷಯ ಒಂದೇ ಆಗಿರಲಿ: ಹಿಂದಿನ ಸಭೆಯ ಠರಾವುಗಳಿಗೆ ಏನಾಯಿತು? ಆಗಿದ್ದರೆ ಯಾವಾಗ, ಆಗದಿದ್ದರೆ ಯಾರ ಟೇಬಲ್ಲಿನಲ್ಲಿ ಕೂತಿದೆ, ಯಾಕೆ ಕೂತಿದೆ. ಹೊಸ ಠರಾವು ಆಮೇಲೆ. ಇದಕ್ಕೆ ಸಂವಿಧಾನ ತಿದ್ದಬೇಕಿಲ್ಲ, ಆಯೋಗ ಕೂಡಬೇಕಿಲ್ಲ, ಗಡಿ ಒಂದು ಗೇಣು ಸರಿಯಬೇಕಿಲ್ಲ. ಉತ್ತರ ಬಂದಿಲ್ಲವೆಂದರೆ, ಬಂದಿಲ್ಲವೆಂಬುದನ್ನೇ ವಹಿಯಲ್ಲಿ ಬರೆಸಿ, ಕನ್ನಡದಲ್ಲಿ ಹೇಳಿಸಿ, ಆಮೇಲೆ ಸಹಿ ಹಾಕಿರಿ.