ಮೊಳೆ ಹೊಡೆದ ಮಾತು

(ಪುಣೆಯಲ್ಲಿರುವ ಮರಾಠಾ ಪೇಶವೆಯರ ಅರಮನೆ ಶನಿವಾರ ವಾಡೆಗೆ ಐದು ಬಾಗಿಲುಗಳಿವೆ. ಕ್ಯಾಮೆರಾಗಳು ಮುತ್ತುವುದು ಮಾತ್ರ ಬಡಗಣ ಮುಖದ ದಿಲ್ಲಿ ದರವಾಜೆಯನ್ನು. ಒಂದೊಂದು ಕದಕ್ಕೆ ಎಪ್ಪತ್ತೆರಡು ಉಕ್ಕಿನ ಮೊಳೆ, ಒಂದೊಂದೂ ಸುಮಾರು ಅಡಿಯುದ್ದ. ವಿಜಯಪುರ, ಯಾದಗಿರಿ ಕಡೆಯಿಂದ ಗಾರೆ ಕೆಲಸಕ್ಕೆ ಬಂದವರು ಭಾನುವಾರ ಎದುರಿನ ಬಯಲಲ್ಲಿ ಕೂತು ಆಡಿದ ಮಾತು ಕೇಳಿ ಕೇಳಿ ಈ ಬಾಗಿಲು ಕನ್ನಡ ಕಲಿತಿದೆ. ಭಾಷೆ ಅವರದು, ಸಿಡುಕು ಅಪ್ಪಟ ಪುಣೇರಿ. ಮಧ್ಯಾಹ್ನ ಒಂದರಿಂದ ನಾಲ್ಕರವರೆಗೆ ಏನೂ ಕೇಳಕೂಡದು ಎಂಬ ಷರತ್ತಿನ ಮೇಲೆ ಮಾತಿಗೆ ಒಪ್ಪಿತು.)

ಪ್ರಶ್ನೆ: ದೇಶದ ಪ್ರವಾಸೋದ್ಯಮಕ್ಕೆ ನಿಮ್ಮ ಕೊಡುಗೆ ಏನು?

ದರವಾಜಾ: ನಿಂದ್ರೂದು. ಆನಿ ಬಂದು ಹಣಿ ಕೊಟ್ಟು ಗುದ್ದಬಾರದು ಅಂತ ಈ ಮೊಳಿ ಹೊಡದಾರ. ಈಗ ಆನಿ ಬರಾಂಗಿಲ್ಲ, ಸಾಲಿ ಹುಡುಗರ ಸಹಲಿ ಬಸ್ಸು ಬರ್ತಾವ. ಮಂದಿ ದೂರ ಇರಲಿ ಅಂತ ಹೊಡದ ಮೊಳಿ ನೋಡಾಕಂತನ ಮಂದಿ ಹತ್ತಿರ ಬರ್ತಾರ. ಬೆನ್ನಿಗೆ ಮೊಳಿ ನಾಟಿದವರ ಹಂಗ ಕಣ್ಣು ಮ್ಯಾಗ ಮಾಡಿ ಫೋಟೋ ತಗಸ್ಕೋತಾರ. ನನ್ನ ಬಲಗದದಾಗ ಒಬ್ಬ ಮನುಷ್ಯಾ ಬಗ್ಗಿ ದಾಟುವಂಥ ಸಣ್ಣ ದಿಂಡಿಬಾಗಿಲ ಐತಿ, ನೋಡಿರೇನು? ದಂಡು ಒಮ್ಮೆಲೇ ಒಳಗ ನುಗ್ಗಬಾರದು ಅಂತ ಮಾಡಿದ್ದು. ಆ ಬುದ್ಧಿ ನಿಮ್ಮ ಪ್ರವಾಸೋದ್ಯಮಕ್ಕ ಇನ್ನೂ ಬಂದಿಲ್ಲ.

ಪ್ರಶ್ನೆ: ಪೇಶವೆಯರ ಕಾಲದಲ್ಲಿ ಪ್ರವಾಸ ಅಂತ ಏನಾದರೂ ಇತ್ತೇ?

ದರವಾಜಾ: ಇತ್ತಲ್ಲ! ಮುಲೂಕಗಿರಿ ಅಂತಿದ್ರು. ದಸರಾ ಮುಗೀತು, ಸೀಮೋಲ್ಲಂಘನ ಆತು, ದಂಡು ಹೊಂಟಿತು. ಮಳಿಗಾಲಕ್ಕ ವಾಪಸ್. ನಿಮ್ಮ ಟೂರಿಸ್ಟ್ ಸೀಸನ್ನೂ ಅಕ್ಟೋಬರದಾಗೇ ಶುರು, ಪಂಚಾಂಗ ಏನೂ ಬದಲಾಗಿಲ್ಲ. ಬದಲಾದದ್ದು ರೊಕ್ಕದ ದಿಕ್ಕು. ಆಗ ಹೋದವರು ರೊಕ್ಕ ತರ್ತಿದ್ರು. ಚೌಥ ಅಂತ ಆ ಸೀಮಿ ಉತ್ಪನ್ನದಾಗ ಕಾಲುಭಾಗ, ಅದರ ಮ್ಯಾಗ ಸರದೇಶಮುಖಿ ಅಂತ ನೂರಕ್ಕ ಹತ್ತು. ಈಗ ಹೋದವರೇ ಕೊಟ್ಟು ಬರಬೇಕು. 1737ರ ಮಾರ್ಚದಾಗ ಪೇಶವೆ ಬಾಜೀರಾಯರು ದಿಲ್ಲಿ ಅಂಚಿನತನಕ ಹೋಗಿ, ಬಾದಶಹಾನ ನಿದ್ದಿ ಕೆಡಿಸಿ, ತಿರುಗಿ ಬಂದ್ರು. ಹೋಟೆಲ್ ಬಿಲ್ಲಿಲ್ಲ, ಗೈಡ್ ಇಲ್ಲ, ಪಾರ್ಕಿಂಗ್ ಚೀಟಿ ಇಲ್ಲ. ಅಂಥಾ ಡೇ ಟ್ರಿಪ್ ಈಗ ಯಾರು ಮಾಡ್ತಾರ?

ಪ್ರಶ್ನೆ: ನಿಮ್ಮವರು ನಮ್ಮ ಕರ್ನಾಟಕಕ್ಕೂ ಬಂದಿದ್ದರು. 1791, ಶೃಂಗೇರಿ ಮಠದ ಲೂಟಿ.

ದರವಾಜಾ: (ತಿರುಗಣಿ ಕಿರುಗುಟ್ಟುತ್ತದೆ) ಅದು ಪರಶುರಾಮಭಾವು ಪಟವರ್ಧನರ ದಂಡಿನ ಹಿಂದ ಬಂದ ಪಿಂಡಾರಿಗಳು ಮಾಡಿದ್ದು. ಔಟ್‌ಸೋರ್ಸ್ ಕೆಲಸ. ಪಗಾರ ಇಲ್ಲದ ಮಂದಿ, ಕೈಗೆ ಸಿಕ್ಕದ್ದೇ ಕಮಿಶನ್ನು. ಇವತ್ತಿನ ಟೂರ್ ಕಂಪನಿಯವರೂ ಹಿಂಗೇ ಅಂತಾರಲ್ರಿ: ಬಸ್ಸು ಬ್ಯಾರೆಯವರದು, ರೂಮು ಬ್ಯಾರೆಯವರದು, ನಾವು ಬರೇ ಬುಕಿಂಗ್ ಅಂತ.

ಪ್ರಶ್ನೆ: ಲೂಟಿಯಾದ ಮಠಕ್ಕೆ ಟಿಪ್ಪು ಪತ್ರ ಬರೆದು ನೆರವು ಕಳಿಸಿದ. ಆ ಪತ್ರಗಳು 1916ರಲ್ಲಿ ಆರ್. ನರಸಿಂಹಾಚಾರ್ಯರ ಕೈಗೆ ಸಿಕ್ಕವು.

ದರವಾಜಾ: ಕಾಗದ ಜ್ವಾಕಿ ಮಾಡಿ ಇಟ್ಟುಕೊಳ್ಳೂದು ಭಾಳ ಕೆಟ್ಟ ಚಟಾರಿ. ಮುಂದಿನದು ಕೇಳ್ರಿ.

ಪ್ರಶ್ನೆ: ಈಗ ಒಳಗೆ ಬರಲು ಎಷ್ಟು?

ದರವಾಜಾ: ನಮ್ಮವರಿಗೆ 25 ರೂಪಾಯಿ, ಪರದೇಶದವರಿಗೆ 300. ಇಪ್ಪತ್ತೈದು, ಕೇಳಿದ್ರಿಲ್ಲ? ನೂರಕ್ಕ ಇಪ್ಪತ್ತೈದು ಅಂದ್ರ ಚೌಥ. ಆ ಅಂಕಿ ನನ್ನ ಬೆನ್ನು ಬಿಡವಲ್ದು. ಇನ್ನ ಆ ರೊಕ್ಕ ಎಲ್ಲಿಗೆ ಹೋಗತೈತಿ ಕೇಳ್ರಿ. ನಾನು ಭಾರತೀಯ ಪುರಾತತ್ವ ಇಲಾಖೆಯ ಆಳು. ಟಿಕೆಟಿನ ರೊಕ್ಕ ಕೇಂದ್ರದ ಸಂಚಿತ ನಿಧಿಗೆ ಜಮಾ. ಬಾಗಿಲು ಬಡಗಣಕ್ಕ ಇಟ್ಟರ ದಿಲ್ಲಿಗೆ ಸವಾಲು ಹಾಕಿದಂಗ ಆಗತೈತಿ ಅಂತ ಸಾತಾರದ ಶಾಹು ಮಹಾರಾಜರು ಮಾರಿ ಗಂಟು ಹಾಕಿದ್ರು ಅಂತ ಗೈಡುಗಳು ಕತಿ ಹೇಳ್ತಾರ. ಈಗ ಯಾರ ತಕರಾರೂ ಇಲ್ಲ. ದಿನಾ ಬೆಳಗಿನಿಂದ ಸಂಜಿತನಕ ನನ್ನ ಹೊಸ್ತಿಲಿಂದ ದಿಲ್ಲಿಗೆ ದಂಡು ಹೊಂಟೇ ಐತಿ. ಕುದುರಿ ಇಲ್ಲ, ಭರ್ಚಿ ಇಲ್ಲ, ಬರೇ ನೋಟು.

ಪ್ರಶ್ನೆ: ಅಲ್ಲಿಂದ ನಿಮ್ಮ ದುರಸ್ತಿಗೆ ಹಣ ವಾಪಸ್ ಬರುತ್ತದಲ್ಲ?

ದರವಾಜಾ: ತಡ ಮಾಡಿ ಬರತೈತಿ, ಪಾನಿಪತದ ಸೋಲಿನ ಸುದ್ದಿ ಬಂದಂಗ.

ಪ್ರಶ್ನೆ: ಹಾಗಾದರೆ ಪುಣೆಗೆ ಉಳಿದದ್ದೇನು?

ದರವಾಜಾ: ನನ್ನ ಹೊರಗ ಉಳೀತು. ಒಳಗ ಏನೈತಿ ಹೇಳ್ರಿ? ಬಾಜೀರಾಯರು 1730ರ ಜನವರಿ 10ಕ್ಕ ಅಡಿಗಲ್ಲು ಹಾಕಿದ್ರು, 1732ರ ಜನವರಿ 22ಕ್ಕ ಗೃಹಪ್ರವೇಶ. ವಾಡೆಗೆ ಆಗಿನ ಖರ್ಚು 16,110 ರೂಪಾಯಿ. ಈಗ ಆ ರೊಕ್ಕದಾಗ ದೊಡ್ಡ ಹೋಟೆಲಿನ್ಯಾಗ ಎರಡು ರಾತ್ರಿ ಮಲಗಬಹುದು, ಬೆಳಗಿನ ನಾಷ್ಟಾ ಸೇರಿ. 1828ರ ಫೆಬ್ರವರಿ 27ಕ್ಕ ಬೆಂಕಿ ಬಿತ್ತು. ವಾರ ಉರೀತು ಅಂತಾರ. ಉಳಿದದ್ದು ಸುತ್ತಿನ ಗ್ವಾಡಿ, ಕಲ್ಲಿನ ತಳಪಾಯ, ತಾವರಿ ಆಕಾರದ ಹಜಾರಿ ಕಾರಂಜಿ, ಮತ್ತ ನನ್ನಂಥ ಬಾಗಿಲುಗಳು. ಟಿಕೆಟ್ ತಗೊಂಡು ಒಳಗ ಹೋದವರು ತಳಪಾಯದ ಮ್ಯಾಗ ನಿಂತು, ವಾಡೆ ಎಲ್ಲೈತಿ ಅಂತ ವಾಡೆದಾಗೇ ಕೇಳ್ತಾರ. 2015ರಾಗ ಬಾಜೀರಾವ್ ಮಸ್ತಾನಿ ಸಿನಿಮಾ ಬಂದ ಮ್ಯಾಗಂತೂ ಕನ್ನಡಿ ಮಹಲು ತೋರಸ್ರಿ ಅನ್ನವರು ಹೆಚ್ಚಾದ್ರು. ಅದು ಮುಂಬೈಯಾಗ ಹಾಕಿದ ಸೆಟ್ಟು ಅಂತ ಯಾರು ಹೇಳಬೇಕು ಅವರಿಗೆ?

ಅರ್ಧ ತಾಸಿನ್ಯಾಗ ನೋಡಿ ಮುಗಸ್ತಾರ. ಹೊರಗ ಬರ್ತಾರ. ಅಲ್ಲಿಂದ ನೋಡ್ರಿ ಅರ್ಥಶಾಸ್ತ್ರ. ಭೇಳ ಮಾಡಾಂವ ಸ್ಟೀಲಿನ ಬೋಗುಣಿಯೊಳಗ ಚುರಮುರಿ ಹಾಕಿ, ಉಳ್ಳಾಗಡ್ಡಿ ಚಕಚಕ ಹೆಚ್ಚಿ, ಹುಣಸಿಹುಳಿ ಒಂದು ಸುತ್ತು ಸುರುವಿ, ಚಮಚದಿಂದ ಬೋಗುಣಿ ಅಂಚಿಗೆ ಎರಡು ಸಲ ಬಡೀತಾನ. ಆ ಸಪ್ಪಳಕ್ಕ ಪರದೇಶದವನೂ ತಿರುಗಿ ನೋಡ್ತಾನ. ಆ ರೊಕ್ಕ ದಿಲ್ಲಿಗೆ ಹೋಗಾಂಗಿಲ್ಲ. ಅದು ಮಂಡೈ ಮಾರ್ಕೆಟ್ಟಿನ್ಯಾಗ ಉಳ್ಳಾಗಡ್ಡಿ ತರತೈತಿ, ಮಗಳ ಸಾಲಿ ಫೀ ಕಟ್ಟತೈತಿ. ರಿಕ್ಷಾದಾಂವ, ಬಾಕರವಡಿ ಮಾರಾಂವ, ಫುಗ್ಗಾ ಮಾರೋ ಹೆಣ್ಣಮಗಳು, ಎಲ್ಲಾರೂ ನನ್ನ ಮ್ಯಾಗೇ ಬದುಕ್ಯಾರ. ಅವರಿಗೆ ಯಾರೂ ಉದ್ಯಮ ಅನ್ನಾಂಗಿಲ್ಲ. ಅತಿಕ್ರಮಣ ಅಂತಾರ. ಮಂತ್ರಿ ಬರೋ ದಿನ ಎಬ್ಬಸ್ತಾರ, ಮರುದಿನ ಮತ್ತ ಬಂದು ಕೂಡ್ತಾರ.

ಪ್ರಶ್ನೆ: ಕನ್ನಡಿಗರಿಗೂ ಇದರಲ್ಲಿ ಪಾಲು ಸಿಕ್ಕಿತೇ?

ದರವಾಜಾ: ಪಾಲಾ? ಪುಣೆ ಗೆದ್ದವರೇ ನಿಮ್ಮವರು! ಇಂಗ್ರೇಜರು 1817ರ ನವೆಂಬರ್ 17ಕ್ಕ ಇಲ್ಲಿ ಬಾವುಟ ಹಾರಿಸಿದ್ರು, ಈಗ ಎಲ್ಲದಾರ ಅವರು? ನಿಮ್ಮ ಕರಾವಳಿಯ ಶೆಟ್ಟರು ಒಂದು ಗುಂಡೂ ಹಾರಿಸದ ದ್ವಾಸಿ ಕಾವಲಿ ಹೊತ್ತುಕೊಂಡು ಬಂದ್ರು, ಇನ್ನೂ ಅದಾರ. ಫರ್ಗ್ಯುಸನ್ ರಸ್ತೆದಾಗ ಮದ್ರಾಸ್ ಹೆಲ್ತ್ ಹೋಮ್ ಅಂತ ಇದ್ದದ್ದನ್ನ ಜಗನ್ನಾಥ ಶೆಟ್ಟರು ವೈಶಾಲಿ ಮಾಡಿದ್ರು. ಮಾಲಕ ತುಳುನಾಡಿನಾಂವ, ಹೆಸರು ಮದ್ರಾಸಿಂದು, ಗಿರಾಕಿ ಸದಾಶಿವ ಪೇಟೆಯಾಂವ. ಪುಣೆಯವರು ತಮ್ಮ ತಿಂಡಿ ಅಂತ ನೆಂಟರನ್ನ ಕರಕೊಂಡು ಹೋಗೂದು ಈಗ ಅಲ್ಲಿಗೇ. ಈ ಪೇಟೆ, ಆ ಪೇಟೆ ಅಂತ ಸುತ್ತಿ ಸುಸ್ತಾದ ಪ್ರವಾಸಿಗೆ ಕೊನಿಗೆ ಬೇಕಾದದ್ದು ಇತಿಹಾಸ ಅಲ್ಲ, ಬಿಸಿ ಸಾಂಬಾರು. ಇನ್ನ ಗಾರೆ ಕೆಲಸದ ನಿಮ್ಮ ವಿಜಾಪುರದವರು, ಅವರು ಹೋಟೆಲ್ ಕಟ್ತಾರ. ಕಟ್ಟಿ ಮುಗಿಸಿದ ಮರುದಿನ ಅದರ ಗೇಟಿನ್ಯಾಗ ಅವರನ್ನ ಬಿಡಾಂಗಿಲ್ಲ. ಅದಕ್ಕ ಭಾನುವಾರ ನನ್ನ ಮುಂದ ಬಂದು ಕೂಡ್ತಾರ. ಹೊರಗ ಕೂಡಾಕ ಟಿಕೆಟ್ ಇಲ್ಲ ನೋಡ್ರಿ.

ಪ್ರಶ್ನೆ: ಹುಣ್ಣಿಮೆ ರಾತ್ರಿ ಇಲ್ಲಿ ದೆವ್ವ ಕೂಗುತ್ತದಂತೆ?

ದರವಾಜಾ: ಬಂತ್ರಿ ದೆವ್ವ. ಎಲ್ಲಾರ ಸಂದರ್ಶನವೂ ಇಲ್ಲಿಗೇ ಬರತೈತಿ. 1773ರ ಆಗಸ್ಟ್ 30ಕ್ಕ ಕೊಲಿಯಾದ ನಾರಾಯಣರಾವ್ ಪೇಶವೆ ಹದಿನೆಂಟರ ಹುಡುಗ. ‘ಕಾಕಾ, ನನ್ನ ಉಳಸ್ರಿ’ ಅಂತ ಓಡಿದ ಅಂತಾರ. ಆ ಕೂಗು ಇನ್ನೂ ಕೇಳತೈತಿ ಅನ್ನೂದು ಇಲ್ಲಿಯ ದೊಡ್ಡ ಜಾಹೀರಾತು. ಒಂದು ಮಾತು ಹೇಳ್ತೀನಿ ಕೇಳ್ರಿ: ಸಂಜಿಗೆ ನನ್ನ ಹಾಕ್ತಾರ. ರಾತ್ರಿ ಒಳಗ ಯಾರೂ ಇರಾಂಗಿಲ್ಲ. ಹಂಗಾದ್ರ ಕೇಳಿದವರು ಯಾರು? ಆದರೂ ಇಂಟರ್ನೆಟ್ಟಿನ್ಯಾಗ ದೇಶದ ದೆವ್ವದ ಜಾಗಾಗಳ ಪಟ್ಟಿ ತಗದ್ರ ನನ್ನ ಹೆಸರು ಮ್ಯಾಲಕ್ಕ. ಆ ಹುಡುಗ ಬದುಕಿದ್ದಾಗ ಕೊಲ್ಲಾಕ ಬಂದ ಗಾರದಿ ಸಿಪಾಯಿಗಳು ಬಿಡಲಿಲ್ಲ, ಸತ್ತ ಮ್ಯಾಗ ಯೂಟ್ಯೂಬಿನವರು ಬಿಡವಲ್ರು. ರಾತ್ರಿ ಪಾಳಿ, ರಜಾ ಇಲ್ಲ, ಪಗಾರಂತೂ ಇಲ್ಲೇ ಇಲ್ಲ.

ಪ್ರಶ್ನೆ: 2025ರ ಜುಲೈಯಲ್ಲಿ ಮರಾಠಾ ಕೋಟೆಗಳು ಯುನೆಸ್ಕೋ ಪಟ್ಟಿ ಸೇರಿದವು. ಸಂತೋಷವಾಯಿತೇ?

ದರವಾಜಾ: ಹನ್ನೆರಡು ಕೋಟೆ ಸೇರಿದ್ವು. ತಮಿಳುನಾಡಿನ ಜಿಂಜಿ ಸೇರಿತು. ನನ್ನ ಜಿಲ್ಲಾದಾಗಿನ ಶಿವನೇರಿ, ಲೋಹಗಡ, ರಾಜಗಡ ಸೇರಿದ್ವು. ನಾನಿಲ್ಲ. ಸಂತೋಷ ಅಂದ್ರ ಭಾಳ ಸಂತೋಷ. ಸಿಂಹಗಡವೂ ಅದರಾಗಿಲ್ಲ, ಆದರ ಅದಕ್ಕೇನು ಚಿಂತಿ? ಅಲ್ಲಿ ಝುಣಕಾ ಭಾಕರಿ, ಮಣ್ಣಿನ ಗಡಿಗಿ ಮಸರು ಮಾರೋ ಹೆಣ್ಣಮಕ್ಕಳದಾರ. ಯುನೆಸ್ಕೋ ಬರಲಿ ಬಿಡಲಿ, ಮಂದಿ ಬರ್ತಾರ.

ಪ್ರಶ್ನೆ: ನಿಮ್ಮ ಅಕ್ಕಪಕ್ಕದ ನಿವಾಸಿಗಳು ನಿಮ್ಮ ಬಗ್ಗೆ ಏನನ್ನುತ್ತಾರೆ?

ದರವಾಜಾ: ಶಾಪ ಹಾಕ್ತಾರ. ಖರೇ ಹೇಳ್ತೀನಿ, ನನಗ ಮಾರಿ ಎತ್ತಿ ನೋಡಾಕ ನಾಚಿಕಿ. 2010ರಾಗ ಸ್ಮಾರಕ ಕಾಯ್ದೆ ತಿದ್ದಿದ್ರು. ನನ್ನಂಥವರ ಸುತ್ತ ನೂರು ಮೀಟರಿನ್ಯಾಗ ಹೊಸಾದು ಏನೂ ಕಟ್ಟಾಂಗಿಲ್ಲ, ಅದರಾಚೆ ಇನ್ನೂರು ಮೀಟರತನಕ ಪರವಾನಿಗಿ ಬೇಕು. ಕಾಯ್ದೆ ಚಲೋದು. ಇಲ್ಲಂದ್ರ ಇಷ್ಟೊತ್ತಿಗೆ ನನ್ನ ಎಡಕ್ಕೊಂದು ಬಲಕ್ಕೊಂದು ಮಾಲು ಎದ್ದು ನಿಂದ್ರತಿದ್ದವು. ಆದರ ಅದು ತಾಜಮಹಲಿನ ಸುತ್ತ ಇದ್ದಂಗ ಬಯಲು ಐತಿ ಅಂತ ತಿಳಕೊಂಡು ಬರದದ್ದು. ಇದು ಕಸಬಾ ಪೇಟೆ, ಶನಿವಾರ ಪೇಟೆ. ಗ್ವಾಡಿಗೆ ಗ್ವಾಡಿ ಹತ್ತಿದ ಊರು. ಇಲ್ಲಿ ತಲಿತಲಾಂತರದಿಂದ ಇದ್ದವರ ಮನಿ ಬೀಳಾಕ ಹತ್ಯಾವ. ಸಾಗವಾನಿ ಕಂಬ ಒಂದ ಕಡೆ ವಾಲೈತಿ, ಅದಕ್ಕೊಂದು ಕಬ್ಬಿಣದ ಟೇಕು. ಹಂಚಿನ ಮ್ಯಾಗ ನೀಲಿ ತಾಡಪತ್ರಿ. ಪಾವಟಿಗಿ ಹತ್ತುವಾಗ ಹಗ್ಗ ಹಿಡಕೊಂಡು ಹತ್ತಬೇಕು. ರಿಪೇರಿಗೆ ಅನುಮತಿ ಕೊಡ್ತಾರ, ಕೆಡವಿ ಹೊಸಾದು ಕಟ್ಟಾಕ ಇಲ್ಲ. ಪ್ರವಾಸಿ ಆ ವಾಲಿದ ಕಂಬದ ಫೋಟೋನೂ ತಗೋತಾನ, ಎಷ್ಟು ಚಂದ ಹಳೇ ಮನಿ ಅಂತ ಬರೀತಾನ. ಒಳಗ ಅಜ್ಜಿ ಬಕೀಟು ಇಟ್ಟುಕೊಂಡು ಸೋರೋ ಕಡೆ ಹುಡಕ್ತಿರತಾಳ. ನನ್ನಿಂದ ಬರೋ ಲಾಭ ದಿಲ್ಲಿಗೆ, ಹೋಟೆಲಿನವರಿಗೆ, ಭೇಳದಾಂವಗ ಎಲ್ಲಾರಿಗೂ ಹಂಚಿ ಹೋತು. ಆ ಅಜ್ಜಿಗೆ ಏನು ಸಿಕ್ಕಿತು ಅಂತ ನೀವೇ ಹುಡುಕಿ ಬರೀರಿ. ಸ್ಮಾರಕಕ್ಕ ಗೀಚಿ ಕೆಡಿಸಿದ್ರ ಎರಡು ವರ್ಷದತನಕ ಜೈಲು ಇಲ್ಲಾ ಲಕ್ಷದತನಕ ದಂಡ, ಇಲ್ಲಾ ಎರಡೂ ಅಂತ ಕಾಯ್ದೆದಾಗೈತಿ. ಸ್ಮಾರಕದ ಸಲುವಾಗಿ ಒಂದು ಮನಿ ಕೆಟ್ಟರ ಎಷ್ಟು ದಂಡ, ಯಾರಿಗೆ ದಂಡ, ಅದು ಬರದಿಲ್ಲ.

ಪ್ರಶ್ನೆ: ಆರಂಭದಲ್ಲಿ ದಿಂಡಿಬಾಗಿಲ ಬುದ್ಧಿ ಅಂದಿರಿ.

ದರವಾಜಾ: ಹೂಂ. ಇದರಾಗ ಚ್ಯಾಷ್ಟಿ ಬ್ಯಾಡ್ರಿ. 2024ರ ಜೂನ್ 30, ಲೋಣಾವಳಾದ ಭೂಶಿ ಅಣೆಕಟ್ಟಿನ ಹಿಂದಿನ ಧಬಧಬಿಯೊಳಗ ಒಂದೇ ಮನಿಯ ಐದು ಮಂದಿ ಕೊಚ್ಚಿಹೋದ್ರು. 2025ರ ಜೂನ್ 15, ಕುಂಡಮಳಾದಾಗ ಇಂದ್ರಾಯಣಿ ಮ್ಯಾಗಿನ ಕಬ್ಬಿಣದ ಸೇತುವೆ ಬಿದ್ದು ನಾಲ್ಕು ಮಂದಿ ಸತ್ರು. ಎರಡೂ ಭಾನುವಾರ. ಆ ಸೇತುವೆ ಅಪಾಯದ್ದು ಅಂತ ಬೋರ್ಡು ಇತ್ತು. ಬೋರ್ಡು ತಡೀತೈತೇನ್ರಿ? ಬಗ್ಗಿ ಒಬ್ಬೊಬ್ಬರೇ ಬರ್ರಿ ಅನ್ನೂ ಸಣ್ಣ ಬಾಗಿಲ ಬೇಕು, ಕಾಯಾಂವ ಒಬ್ಬ ಬೇಕು. ಮಂದಿ ಎಷ್ಟು ಬಂದ್ರು ಅನ್ನೂ ಲೆಕ್ಕಾನೇ ಸಾಧನಾ ಅಂತ ಪೇಪರಿನ್ಯಾಗ ಹಾಕೋ ತನಕ ಆ ಬಾಗಿಲ ಯಾರು ಮಾಡ್ತಾರ?

ಪ್ರಶ್ನೆ: ಆದರೆ ಜನ ಬರದಿದ್ದರೆ ಆರ್ಥಿಕತೆ?

ದರವಾಜಾ: ಅದನ್ನೂ ನೋಡೇನಿ. ಈ ದೇಶದ ಉತ್ಪನ್ನದಾಗ ಪ್ರವಾಸೋದ್ಯಮದ ಪಾಲು ನೂರಕ್ಕ ಹೆಚ್ಚುಕಡಿಮಿ ಐದು ಅಂತ ಸರಕಾರ ಹೇಳತೈತಿ. ಕೊರೋನಾದ 2020-21ರಾಗ ಅದು ಒಂದೂವರಿಗೆ ಇಳೀತು. ಅಂಕಿ ನಿಮಗ. ನನಗ ಕಂಡದ್ದು ಭೇಳದಾಂವನ ಖಾಲಿ ಜಾಗಾ. ಊರಿಗೆ ಹೋದನೋ, ಬ್ಯಾರೆ ಕೆಲಸ ಹಿಡದನೋ. ಅದಕ್ಕ ಮಂದಿ ಬರಬ್ಯಾಡ್ರಿ ಅಂತ ನಾನು ಹೇಳಾಂವಲ್ಲ. ಬರೋರ ರೊಕ್ಕ ಬಾಗಿಲಿನ ಹತ್ತಿರದಾಗೇ ಒಂದಿಷ್ಟು ನಿಂದ್ರಲಿ ಅಂತೀನಿ. ಇಂಡೋನೇಷ್ಯಾದ ಬಾಲಿಯವರು 2024ರ ಫೆಬ್ರವರಿಯಿಂದ ಪರದೇಶದವರಿಗೆ ತಲಿಗೆ 1,50,000 ರುಪಿಯಾ ಹಾಕ್ಯಾರ, ಆ ದ್ವೀಪದ ಸಂಸ್ಕೃತಿ, ನಿಸರ್ಗ ಕಾಯಾಕ ಅಂತ. ರೊಕ್ಕ ಹೋಗೂದು ಆ ಪ್ರಾಂತದ ಬೊಕ್ಕಸಕ್ಕ. ಚೌಥ ನಾವು ಬಿಟ್ಟ ಮ್ಯಾಗ ಅವರು ಹಿಡದ್ರು ನೋಡ್ರಿ.

ಪ್ರಶ್ನೆ: ಓದುಗರಿಗೆ ಏನಾದರೂ ಸಂದೇಶ?

ದರವಾಜಾ: ಸಂದೇಶ ಪುಣೇರಿ ಬೋರ್ಡುಗಳಿಗೆ ಬಿಟ್ಟೇನಿ. ಅದಿರಲಿ, ಈ ಸಂದರ್ಶನಕ್ಕ ಪತ್ರಿಕೆಯವರು ನಿಮಗ ಏನು ಕೊಡ್ತಾರ? ಅದರಾಗ ಕಾಲುಭಾಗ ಚೌಥ ನನಗ ಬರಬೇಕು, ಮ್ಯಾಗ ಹತ್ತು ಸರದೇಶಮುಖಿ.

ಪ್ರಶ್ನೆ: ಹೋದ ವರ್ಷದ ಲೇಖನದ ಗೌರವಧನವೇ ಇನ್ನೂ ಬಂದಿಲ್ಲ.

ದರವಾಜಾ: ಹಂಗಾರ ಸರದೇಶಮುಖಿ ಬಿಟ್ಟೇನಿ. ಚೌಥ ಬಂದಾಗ ಕೊಡ್ರಿ. ದಿಲ್ಲಿ ಹೆಸರಿಗೆ ಕಳಸಬ್ಯಾಡ್ರಿ ಮತ್ತ, ಭೇಳದಾಂವನ ಕೈಯಾಗ ಕೊಟ್ಟು ಹೋಗ್ರಿ.