ಚಿತ್ರದುರ್ಗ ಸೀಮೆಯಲ್ಲಿ ಹೊಗೆ ಮಿಷನ್ನಿನ ಆಯ್ಕೆ: ಒಂದು ತಾತ್ವಿಕ ವಿವೇಚನೆ

ಪ್ರಸ್ತುತ ಮಹಾಪ್ರಬಂಧದ ವ್ಯಾಪ್ತಿ ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ಎಂಬ ನಾಲ್ಕು ತಾಲ್ಲೂಕು. ಮಿತಿ, ಮೂರು ವರ್ಷದ ಒಂದು ಮಗುವಿನ ಒಂದು ಮೂಗು. ಕೋಟೆ, ಶಾಸನ, ಪಾಳೆಯಗಾರರ ವಂಶಾವಳಿ ಎಂದರೆ ಮುಗಿಬೀಳುವ ನಮ್ಮ ವಿದ್ವಾಂಸರು ಹೊಗೆ ಮಿಷನ್ನು ಎಂದು ಮನೆಮಂದಿ ಕರೆಯುವ ನೆಬ್ಯುಲೈಜರಿನ ಕಡೆ ಕಣ್ಣೆತ್ತಿಯೂ ನೋಡಿಲ್ಲ. ಆಷಾಢದ ಒಂದು ನಡುರಾತ್ರಿ ಮಗುವಿನ ಎದೆ ಸುಂಯ್‌ಗುಟ್ಟಿ, ಆ ಕೊರತೆ ತುಂಬುವ ಹೊಣೆ ಪ್ರಬಂಧಕಾರನ ಹೆಗಲಿಗೆ ಬಿತ್ತು. ಮಾರ್ಗದರ್ಶಕರು ಮಗುವಿನ ಅಜ್ಜಿ. ಸಹ-ಮಾರ್ಗದರ್ಶಕರು, ಯಾರೂ ಕೇಳದಿದ್ದರೂ, ನಾಲ್ಕೂ ತಾಲ್ಲೂಕಿನ ನೆಂಟರು.

ಮೊದಲು ಚರಿತ್ರೆ; ಅದಿಲ್ಲದೆ ಪದವಿ ಸಿಗುವುದಿಲ್ಲ. 1858ರಲ್ಲಿ ಪ್ಯಾರಿಸ್ಸಿನ ಸಾಲ್-ಝಿರೋನ್ ಎಂಬ ವೈದ್ಯ, ಔಷಧಿಯ ನೀರನ್ನು ತುಂತುರು ಮಾಡಿ ಉಗುಳುವ ಕೈಪಂಪೊಂದನ್ನು ಲೋಕಕ್ಕೆ ತೋರಿಸಿದ. ಸೈಕಲ್ಲಿಗೆ ಗಾಳಿ ಹೊಡೆದ ಹಾಗೆ ಒತ್ತುವುದು. ಹೈದರಾಲಿ ದುರ್ಗವನ್ನು ಹಿಡಿದದ್ದು 1779ರಲ್ಲಿ. ನಡುವೆ 79 ವರ್ಷ. ಎರಡಕ್ಕೂ ಯಾವ ಸಂಬಂಧವೂ ಇಲ್ಲ, ಆದರೆ ದುರ್ಗದ ಮೇಲಿನ ಪ್ರಬಂಧದಲ್ಲಿ ಹೈದರಾಲಿ ಬಾರದಿದ್ದರೆ ಪರೀಕ್ಷಕರು ಒಪ್ಪುವುದಿಲ್ಲ.

ಮಗುವಿಗೆ ಯಾವುದನ್ನು ಕೊಳ್ಳಬೇಕು ಎಂಬುದರಲ್ಲಿ ತಾಲ್ಲೂಕಿಗೊಂದರಂತೆ ನಾಲ್ಕು ಪ್ರಸ್ಥಾನಗಳಿವೆ. ಅವುಗಳಲ್ಲಿ ಪ್ರಾಚೀನವಾದದ್ದು ದುರ್ಗದ ಕಂಪ್ರೆಸರ್ ಪ್ರಸ್ಥಾನ. ಪ್ರತಿಪಾದಕರು ಬುರುಜನಹಟ್ಟಿಯ ದೊಡ್ಡಪ್ಪ. ಅವರ ಮತದಲ್ಲಿ ಯಂತ್ರವೆಂದರೆ ತೂಕವಿರಬೇಕು, ಸದ್ದು ಮಾಡಬೇಕು. “ಸೌಂಡ್ ಬಂದ್ರೇನೇ ಕಣಪ್ಪಾ ಕೆಲ್ಸ ಮಾಡ್ತೈತೆ ಅಂತ ಗೊತ್ತಾಗೋದು.” ಈ ಪ್ರಸ್ಥಾನದ ಮೂಲತತ್ತ್ವ ಕೋಟೆಯ ಮೇಲೆಯೇ ಇದೆ ಎಂಬುದನ್ನು ಇದುವರೆಗೆ ಯಾರೂ ಗುರುತಿಸಿಲ್ಲವಾದ್ದರಿಂದ ಇಲ್ಲಿ ಸ್ವಲ್ಪ ವಿಸ್ತಾರವಾಗಿ ಹೇಳಬೇಕು. ಪೆಟ್ಟಿಗೆಯೊಳಗಿನ ಮೋಟಾರು ಗಾಳಿಯನ್ನು ಒತ್ತಿ ನಳಿಗೆಗೆ ತಳ್ಳುತ್ತದೆ. ಔಷಧಿ ಬಟ್ಟಲಿನ ತಳದಲ್ಲಿ ಸೂಜಿಮೊನೆಯಷ್ಟು ಒಂದು ಕಿಂಡಿ. ಅದರಲ್ಲಿ ನುಗ್ಗುವಾಗ ಗಾಳಿಯ ವೇಗ ಏರಿ ಒತ್ತಡ ಕುಸಿಯುತ್ತದೆ, ಕುಸಿದಲ್ಲಿಗೆ ಔಷಧಿ ಮೇಲೇರಿ ಬಂದು ಚೂರುಚೂರು ಹನಿಯಾಗುತ್ತದೆ. ಕಿಂಡಿಯ ಬಾಯಿಗೆ ಎದುರಾಗಿ ಪುಟ್ಟದೊಂದು ಪ್ಲಾಸ್ಟಿಕ್ ತಡೆ ನಿಂತಿರುತ್ತದೆ. ನುಸುಳಿ ಬಂದ ದಪ್ಪ ಹನಿಗಳ ತಲೆ ಅದಕ್ಕೆ ಬಡಿದು, ಅವು ಮತ್ತೆ ಬಟ್ಟಲಿಗೇ ಉರುಳುತ್ತವೆ. ಇದು ಓಬವ್ವನ ಒನಕೆಯಲ್ಲದೆ ಮತ್ತೇನು? ವ್ಯತ್ಯಾಸ ಒಂದೇ. ಓಬವ್ವನ ಒನಕೆಯಡಿ ಸಿಕ್ಕವರು ಯಾರೂ ಬದುಕಲಿಲ್ಲ. ಇಲ್ಲಿ 1ರಿಂದ 5 ಮೈಕ್ರಾನ್ ಗಾತ್ರದ ಸಣ್ಣ ಹನಿಗಳು ತಪ್ಪಿಸಿಕೊಂಡು ಹೋಗುತ್ತವೆ. ಶ್ವಾಸಕೋಶದ ಆಳಕ್ಕೆ ಇಳಿಯುವುದು ಹಾಗೆ ತಪ್ಪಿಸಿಕೊಂಡವೇ. ಅದಕ್ಕಿಂತ ದಪ್ಪನೆಯವು ಬಾಯಿ, ಗಂಟಲಲ್ಲೇ ಕೂತು ವ್ಯರ್ಥವಾಗುತ್ತವೆ.

ಇನ್ನು ಶಾಸನಾಧಾರ. ಚಂದ್ರವಳ್ಳಿಯಲ್ಲಿ ಮಯೂರವರ್ಮನ ಶಾಸನ ಓದಿದವರೂ ಮೆಡಿಕಲ್ ಶಾಪಿನ ಡಬ್ಬದ ಮುಂದೆ ಸೋಲುತ್ತಾರೆ. ಮೊದಲಿಗೆ ಮಂಗಳಾಚರಣೆ: ಮಾಸ್ಕ್ ಹಾಕಿಕೊಂಡು ನಗುತ್ತಿರುವ ಚಿನ್ನದ ಕೂದಲಿನ ಮಗು. (ಮಾಸ್ಕ್ ಹಾಕಿಕೊಂಡು ನಗುವ ಮಗು ನಾಲ್ಕೂ ತಾಲ್ಲೂಕಿನಲ್ಲಿ ಎಲ್ಲೂ ದೊರೆತಿಲ್ಲ.) ಆಮೇಲೆ ಪ್ರಶಸ್ತಿ: ಶಕ್ತಿಶಾಲಿ, ಹಗುರ, ಇಡೀ ಕುಟುಂಬಕ್ಕೆ. ಆಮೇಲೆ ದತ್ತಿ, ಅಂದರೆ ಗ್ಯಾರಂಟಿ. ಕೊನೆಯಲ್ಲಿ ಶಾಪಾಶಯ: ಸೀಲು ಒಡೆದ ಮಾಲನ್ನು ವಾಪಸು ಪಡೆಯುವುದಿಲ್ಲ. ನಿಜವಾಗಿ ಬೇಕಾದ ಪಾಠ ಡಬ್ಬದ ಬೆನ್ನಿನಲ್ಲಿ, ಇರುವೆ ಸಾಲಿನಂಥ ಅಕ್ಷರಗಳಲ್ಲಿರುತ್ತದೆ. ಹನಿಗಳ ಗಾತ್ರ 5 ಮೈಕ್ರಾನ್ ಒಳಗಿದೆಯೇ, ಗಾಳಿಯ ಹರಿವು ನಿಮಿಷಕ್ಕೆ 6ರಿಂದ 8 ಲೀಟರ್ ಇದೆಯೇ, ಸದ್ದು ಎಷ್ಟು ಡೆಸಿಬಲ್, ಮಕ್ಕಳ ಮಾಸ್ಕ್ ಒಳಗಿದೆಯೇ, ಫಿಲ್ಟರು ಬೇರೆ ಸಿಗುತ್ತದೆಯೇ. ಹನಿಯ ಗಾತ್ರದ ಸಾಲೇ ಇಲ್ಲದ ಡಬ್ಬವನ್ನು ಕೂಟಶಾಸನ ಎಂದು ತಿಳಿದು ಕೆಳಗಿಡತಕ್ಕದ್ದು.

ಬೆಲೆಯ ಸಾಲನ್ನು ಮಾತ್ರ ಅಕ್ಷರಶಃ ನಂಬಬಾರದು. ಅಚ್ಚಾದದ್ದು ಒಂದು, ಅಂಗಡಿಯವರು “ನಿಮಗೋಸ್ಕರ” ಇಳಿಸುವುದು ಇನ್ನೊಂದು. ಕೇಂದ್ರದ ಔಷಧ ಬೆಲೆ ಪ್ರಾಧಿಕಾರ 2021ರ ಜುಲೈನಲ್ಲಿ ನೆಬ್ಯುಲೈಜರ್, ಬಿಪಿ ಮಿಷನ್, ಗ್ಲೂಕೋಮೀಟರ್ ಮೊದಲಾದ ಐದು ಸಾಧನಗಳ ವ್ಯಾಪಾರದ ಲಾಭಕ್ಕೆ ಶೇ 70ರ ಮಿತಿ ಹಾಕಿತು. ಹಾಕಿದ ಮೇಲೆ ಶೇ 70 ಎಂದರೆ, ಅದಕ್ಕೆ ಮೊದಲು ಎಷ್ಟಿತ್ತು ಎಂಬುದು ಇನ್ನೊಂದು ಪ್ರಬಂಧದ ವಸ್ತು.

ಹಿರಿಯೂರಿನ ಪ್ರಸ್ಥಾನ ಜಲವಿಜ್ಞಾನದ್ದು. ಅಲ್ಲಿನ ಸೋದರಮಾವ ನೀರಾವರಿಯಲ್ಲಿದ್ದು ನಿವೃತ್ತರಾದವರು. ವಾಣಿವಿಲಾಸ ಸಾಗರ 1907ರಲ್ಲಿ ಕಟ್ಟಿ ಮುಗಿದು, 1933ರಲ್ಲಿ ಕೋಡಿ ಬಿದ್ದು, ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ. ಅಲ್ಲಿಯವರೆಗೆ ಹಿರಿಯೂರಿನವರು ಕಲಿತದ್ದು ನೀರಿನ ಲೆಕ್ಕಕ್ಕಿಂತ ಡೆಡ್ ಸ್ಟೋರೇಜಿನ ಲೆಕ್ಕವನ್ನೇ. ಮಾವನ ಪ್ರಮೇಯ ಹೀಗೆ: ಔಷಧಿ ಬಟ್ಟಲಿಗೂ ಡೆಡ್ ಸ್ಟೋರೇಜ್ ಇದೆ. ಎಷ್ಟು ಹೊತ್ತು ಓಡಿಸಿದರೂ ಸುಮಾರು 1 ಮಿ.ಲೀ. ತಳದಲ್ಲಿ ಉಳಿದೇ ಉಳಿಯುತ್ತದೆ. ಹಾಕಿದ್ದೇ 2.5 ಮಿ.ಲೀ. ಆದರೆ ಮಗುವಿನ ಪಾಲಿಗೆ ಬಂದದ್ದೆಷ್ಟು? ಡಾಕ್ಟರು ಸಲೈನ್ ಸೇರಿಸಿ 3–4 ಮಿ.ಲೀ. ಮಾಡಿಕೊಳ್ಳಿ ಅನ್ನುವುದು ಈ ಕಾರಣಕ್ಕೆ. ಬಟ್ಟಲನ್ನು ನೆಟ್ಟಗೆ ಹಿಡಿಯಬೇಕು, ಪುಟಪುಟ ಸದ್ದು ಶುರುವಾದಾಗ ಬೆರಳಲ್ಲಿ ಮೆಲ್ಲಗೆ ತಟ್ಟಬೇಕು ಎಂಬ ಎರಡು ಉಪಪ್ರಮೇಯಗಳನ್ನೂ ಮಾವ ಫೋನಿನಲ್ಲೇ ಮಂಡಿಸಿದರು. ನಾಲ್ಕು ಪ್ರಸ್ಥಾನಗಳಲ್ಲಿ ಆಕರ ಕೇಳದೆ ಒಪ್ಪಬಹುದಾದದ್ದು ಇದೊಂದೇ.

ಹೊಸದುರ್ಗದವರು ಗಾಳಿಯ ಕಡೆಯವರು. ಸುತ್ತಲ ಗುಡ್ಡಗಳ ನೆತ್ತಿಯಲ್ಲಿ ಗಾಳಿಯಂತ್ರಗಳು ತಿರುಗುತ್ತಿರುತ್ತವೆ. ಗಾಳಿಯಿಂದ ಕರೆಂಟು, ಆ ಕರೆಂಟಿನಿಂದ ಮಿಷನ್ನು, ಮಿಷನ್ನಿನಿಂದ ಮತ್ತೆ ಗಾಳಿ: ಇದು ಹೊಸದುರ್ಗದ ವಾಯುಚಕ್ರ ಸಿದ್ಧಾಂತ. ಸಿದ್ಧಾಂತದಲ್ಲಿ ಲೋಪವಿಲ್ಲ. ಮಗುವಿಗೆ ದಮ್ಮು ಬಂದ ರಾತ್ರಿಯೇ ಕರೆಂಟು ಹೋಗುತ್ತದೆ, ಅಷ್ಟೆ. ಆದ್ದರಿಂದ ತೆಂಗಿನ ತೋಟದ ಚಿಕ್ಕಪ್ಪ ಬ್ಯಾಟರಿಯಲ್ಲಿ ಓಡುವ ಮೆಶ್ ನೆಬ್ಯುಲೈಜರ್ ಪಕ್ಷ ವಹಿಸಿದರು. ಅಂಗೈಯಗಲದ ವಸ್ತು, ಸಾವಿರಾರು ಸೂಕ್ಷ್ಮ ತೂತುಗಳ ಜರಡಿ ಅದುರಿ ಔಷಧಿಯನ್ನು ಹನಿಯಾಗಿಸುತ್ತದೆ. ಸದ್ದಿಲ್ಲ, ಉಳಿಕೆ ಕಡಿಮೆ, ಮಲಗಿದ ಮಗುವಿಗೂ ಹಿಡಿಯಬಹುದು. ನಮ್ಮ ನವ್ಯ ಕಾವ್ಯದ ಹಾಗೆ ಮೆಲುದನಿಯದು, ದುಬಾರಿ, ತೊಳೆಯದಿದ್ದರೆ ಬೇಗ ಕಟ್ಟಿಕೊಳ್ಳುತ್ತದೆ. ಅಲ್ಟ್ರಾಸಾನಿಕ್ ಎಂಬ ಮತ್ತೊಂದು ಬಗೆಯುಂಟು. ಅದು ಔಷಧಿಯನ್ನು ಬಿಸಿ ಮಾಡುತ್ತದೆ, ಬುಡೆಸೊನೈಡ್‌ನಂಥ ನೀರಲ್ಲಿ ಕರಗದ ಔಷಧಿಗೆ ಒಗ್ಗುವುದಿಲ್ಲ. ಮುಂದಕ್ಕೆ ಹೋಗೋಣ.

ಇಲ್ಲಿ ಮಾರ್ಗದರ್ಶಕರ ಪೂರ್ವಪಕ್ಷವನ್ನು ದಾಖಲಿಸಬೇಕು. “ಹೊಗೆ ಬರೋದು ಬರ್ತೈತೆ, ಅದಕ್ಕೇ ಒಂಚೂರು ವಿಕ್ಸು, ಎರಡು ಹನಿ ನೀಲಗಿರಿ ಎಣ್ಣೆ ಹಾಕಿದ್ರೆ ಏನಾಗ್ತೈತೆ?” ಎಂದರು ಅಜ್ಜಿ. ಖಂಡನೆ: ಇದು ಹೊಗೆಯೂ ಅಲ್ಲ, ಹಬೆಯೂ ಅಲ್ಲ, ಔಷಧಿಯ ತಣ್ಣನೆಯ ತುಂತುರು. ಎಣ್ಣೆ ಮಗುವಿನ ಶ್ವಾಸಕೋಶಕ್ಕೆ ಇಳಿದರೆ ಅಪಾಯ. ನಲ್ಲಿ ನೀರು, ಮನೆಯಲ್ಲಿ ಕಲೆಸಿದ ಉಪ್ಪುನೀರು, ತುಳಸಿ ರಸ ಯಾವುದೂ ಬಟ್ಟಲಿಗೆ ಬೀಳಕೂಡದು. ಡಾಕ್ಟರು ಬರೆದ ಔಷಧಿ ಮತ್ತು ಸ್ಟೆರೈಲ್ ಸಲೈನ್, ಇವೆರಡೇ. ಅಜ್ಜಿ ಒಪ್ಪಲಿಲ್ಲ, ಆದರೆ ವಿಕ್ಸ್ ಡಬ್ಬಿಯನ್ನು ಸೆರಗಿನಲ್ಲಿ ಕಟ್ಟಿಕೊಂಡರು. ವಿದ್ವತ್ಲೋಕದಲ್ಲಿ ಇದನ್ನು ಭಿನ್ನಾಭಿಪ್ರಾಯ ಎನ್ನುತ್ತಾರೆ.

ಕ್ಷೇತ್ರಕಾರ್ಯ. ದೊಡ್ಡಪ್ಪನ ಮನೆಯ ಕಂಪ್ರೆಸರನ್ನು ಎರವಲು ತಂದು ಗುಂಡಿ ಒತ್ತಲಾಯಿತು. ಹಿಟ್ಟಿನ ಗಿರಣಿ ನಡುಮನೆಗೆ ಬಂದಂತಾಯಿತು. ಮಾಹಿತಿದಾರ, ಅಂದರೆ ಮಗು, ಕಿರುಚಿ ಮಂಚದ ಕೆಳಗೆ ಸರಿದ. ಎಳೆದು ತಂದು ಮಾಸ್ಕ್ ಇಟ್ಟರೆ ಕೊಸರಾಡಿ ತಲೆ ತಿರುಗಿಸಿದ. “ಹೋಗ್ಲಿ ಬಿಡೋ, ಸ್ವಲ್ಪ ದೂರ ಹಿಡಿ, ಗಾಳಿಯಾಗಾದ್ರೂ ಹೋಗ್ತೈತೆ” ಎಂಬ ಸಲಹೆ ಬಂತು. ಇದು ನಾಲ್ಕೂ ತಾಲ್ಲೂಕಿನಲ್ಲಿ ಪ್ರಚಲಿತವಿರುವ ಮತ, ಮತ್ತು ಪೂರ್ತಿ ಅಸಾಧು. ಮಾಸ್ಕ್ ಮುಖದಿಂದ ಒಂದು ಸೆಂಟಿಮೀಟರ್ ದೂರವಾದರೂ ಔಷಧಿ ಅರ್ಧಕ್ಕರ್ಧ ಗಾಳಿಪಾಲು. ಅಳುವ ಮಗುವಿನ ಎದೆಗಂತೂ ಇಳಿಯುವುದು ಅತ್ಯಲ್ಪ, ಉಳಿದದ್ದು ಕೆನ್ನೆ, ಗಂಟಲು, ಪ್ರಬಂಧಕಾರನ ಕನ್ನಡಕ. ಮೂರು ಸಾವಿರದ ಯಂತ್ರವಾದರೂ ಸೋಲುವುದು ಮೂಗಿನ ಪಕ್ಕದ ಆ ಸಂದಿನಲ್ಲಿ. ಕಡೆಗೆ ಮಗುವಿನ ಅಮ್ಮ ತೊಡೆಯ ಮೇಲೆ ಕೂರಿಸಿಕೊಂಡು, ಔಷಧಿ ಹಾಕದೆ ಮಾಸ್ಕನ್ನು ಮೊದಲು ಗೊಂಬೆಗೆ, ಆಮೇಲೆ ತನಗೆ ಇಟ್ಟು ತೋರಿಸಿದಳು. ಮಾಹಿತಿದಾರ ತಾನೇ ಕೈಚಾಚಿದ. ವಿಧಾನಶಾಸ್ತ್ರದ ಅಧ್ಯಾಯ ಇಷ್ಟೇ.

ಕೊನೆಯದು ಹೊಳಲ್ಕೆರೆ. ಉಸಿರಿನ ವಿದ್ಯೆಯಲ್ಲಿ ಈ ತಾಲ್ಲೂಕಿಗೆ ಪರಂಪರೆಯಿದೆ. ಮಲ್ಲಾಡಿಹಳ್ಳಿಯಲ್ಲಿ ರಾಘವೇಂದ್ರ ಸ್ವಾಮೀಜಿ ಯೋಗ, ಆಯುರ್ವೇದ ಕಲಿಸಿದ ನೆಲ. ಅಲ್ಲಿನ ಅತ್ತೆ ನರ್ಸಾಗಿ ನಿವೃತ್ತರಾದವರು. ಎಲ್ಲರ ವಾದ ಮುಗಿಯುವವರೆಗೆ ಅಡಿಕೆ ಕತ್ತರಿಸುತ್ತ ಕೂತಿದ್ದು, “ಮಿಷನ್ನೇ ಬೇಕು ಅಂತ ಡಾಕ್ಟ್ರು ಹೇಳಿದಾರಾ?” ಎಂದು ಕೇಳಿದರು. ಸಭೆ ನಿಶ್ಶಬ್ದವಾಯಿತು. ಆ ಪ್ರಶ್ನೆ ಯಾರ ಸಂಶೋಧನಾ ಪ್ರಸ್ತಾವದಲ್ಲೂ ಇರಲಿಲ್ಲ. ಅತ್ತೆಯ ಮತವೆಂದರೆ ಇನ್‌ಹೇಲರ್, ಜೊತೆಗೆ ಸ್ಪೇಸರ್ ಎಂಬ ಪ್ಲಾಸ್ಟಿಕ್ ಕೊಳವೆ, ಅದರ ತುದಿಗೆ ಮಗುವಿನ ಮಾಸ್ಕ್. ಕರೆಂಟು ಬೇಡ, ಸದ್ದಿಲ್ಲ, ಬೆಲೆ ಕೆಲವು ನೂರು. ಇನ್‌ಹೇಲರ್ ಕುಲುಕಿ, ಒಂದು ಸಲ ಒತ್ತಿ, ಮಗು ಐದಾರು ಉಸಿರು ಎಳೆಯುವವರೆಗೆ ಮಾಸ್ಕ್ ಬಿಗಿಯಾಗಿ ಹಿಡಿದು, ಆಮೇಲೆ ಇನ್ನೊಂದು ಒತ್ತು. ಸೌಮ್ಯ ಮತ್ತು ಮಧ್ಯಮ ಉಬ್ಬಸದಲ್ಲಿ ಇದು ನೆಬ್ಯುಲೈಜರಿಗಿಂತ ಏನೂ ಕಡಿಮೆಯಿಲ್ಲ, ಎದೆಬಡಿತ ಏರುವುದೂ ಕಡಿಮೆ ಎಂದು, ವೈದ್ಯಕೀಯ ಪ್ರಯೋಗಗಳನ್ನು ಒಟ್ಟಿಗಿಟ್ಟು ತೂಗುವ ಕಾಕ್ರೇನ್ ಪರಿಶೀಲನೆಗಳೂ ಹೇಳುತ್ತವೆ. ಈ ಪ್ರಸ್ಥಾನದ ಆದ್ಯ ಪ್ರವರ್ತಕಿ 13 ವರ್ಷದ ಹುಡುಗಿ. 1955ರಲ್ಲಿ ಅಮೆರಿಕದ ರೈಕರ್ ಲ್ಯಾಬೊರೇಟರೀಸ್ ಮುಖ್ಯಸ್ಥ ಜಾರ್ಜ್ ಮೇಸನ್‌ನನ್ನು ಅವನ ಮಗಳು, ನನ್ನ ಔಷಧಿಯೂ ಹೇರ್ ಸ್ಪ್ರೇ ಡಬ್ಬಿಯಲ್ಲಿ ಯಾಕೆ ಬರಬಾರದು ಎಂದು ಕೇಳಿದಳು. ಮರುವರ್ಷ ಇನ್‌ಹೇಲರ್ ಪೇಟೆಗೆ ಬಂತು. ಪಿಎಚ್.ಡಿ. ಇಲ್ಲದೆ.

ದೊಡ್ಡಪ್ಪ ಮಾತ್ರ ಇನ್‌ಹೇಲರ್ ಅಂದರೆ “ಚಟ ಹತ್ತುತ್ತೆ” ಎಂದು ಪ್ರತಿವಾದ ಹೂಡಿದರು. ಇದಕ್ಕೆ ಆಧಾರ ಯಾವ ಗ್ರಂಥದಲ್ಲೂ ಇಲ್ಲ. ಎರಡರಲ್ಲೂ ಇಳಿಯುವುದು ಅದೇ ಔಷಧಿ.

ಆದಕಾರಣ ಸಿದ್ಧಾಂತ. ಮಗುವಿನ ಡಾಕ್ಟರನ್ನು ಮೊದಲು ಕೇಳಿ. ಸ್ಪೇಸರ್ ಸಾಕೆಂದರೆ ಸಾಕು. ಮಿಷನ್ನೇ ಬೇಕೆಂದರೆ ಸಾಧಾರಣ ಕಂಪ್ರೆಸರ್ ಧಾರಾಳವಾಯಿತು, ಕರೆಂಟು ಕೈಕೊಡುವ ಊರಾದರೆ ಮೆಶ್. ಯಾವುದೇ ಆಗಲಿ, ಮುಖಕ್ಕೆ ಸರಿಹೊಂದುವ ಮಾಸ್ಕ್ ಅಂಗಡಿಯಲ್ಲೇ ನೋಡಿ ತನ್ನಿ. ಪ್ರತಿ ಸಲವೂ ಬಟ್ಟಲು, ಮಾಸ್ಕ್ ತೊಳೆದು ಗಾಳಿಗೆ ಒಣಗಿಸಿ; ಸ್ಪೇಸರನ್ನು ಸೋಪುನೀರಲ್ಲಿ ತೊಳೆದ ಮೇಲೆ ಬಟ್ಟೆಯಲ್ಲಿ ಉಜ್ಜಬೇಡಿ. ಬುಡೆಸೊನೈಡ್ ಕೊಟ್ಟಾಗ ಮುಖ ಒರೆಸಿ, ಬಾಯಿ ತೊಳೆಸಿ. ಉಸಿರೆಳೆದಾಗ ಪಕ್ಕೆ ಒಳಸೇದುತ್ತಿದ್ದರೆ, ಮಾತು ತುಂಡಾದರೆ, ತುಟಿ ನೀಲಿಗಟ್ಟಿದರೆ ದೊಡ್ಡಪ್ಪನಿಗೂ ಫೋನ್ ಬೇಡ, ಈ ಪ್ರಬಂಧವೂ ಬೇಡ. 108ಕ್ಕೆ ಮಾಡಿ, ಆಸ್ಪತ್ರೆಗೆ ಹೊರಡಿ.